ಐದು ವರ್ಷ ಕಂತು ಕಟ್ಟಿದ ಮೇಲೆ ಉಳಿದದ್ದು 239 ತಿಂಗಳು

ಮನೆ ಸಾಲ ಇರುವವರು, ತೆಗೆದುಕೊಳ್ಳಬೇಕು ಅಂತ ಇರುವವರು ದಯವಿಟ್ಟು ಇದನ್ನು ಪೂರ್ತಿ ಓದಿ. ನಾವು ಗಂಡ ಹೆಂಡತಿ ಇಬ್ಬರೂ ದುಡಿಯುತ್ತೇವೆ. ಐದು ವರ್ಷದಲ್ಲಿ ಒಂದು ಕಂತನ್ನೂ ತಪ್ಪಿಸಿಲ್ಲ, ಒಂದು ದಿನವೂ ತಡ ಮಾಡಿಲ್ಲ. ಆದರೂ ನಮಗೆ ಗೊತ್ತಾಗದ ಹಾಗೆ ನಮ್ಮ ಸಾಲ ಹೆಚ್ಚುಕಮ್ಮಿ ಐದು ವರ್ಷ ಉದ್ದವಾಯಿತು.

ನಮ್ಮ ಸಾಲದ ಮೊತ್ತ ಇಲ್ಲಿ ಮುಖ್ಯವಲ್ಲ. ಎಲ್ಲ ಲೆಕ್ಕವನ್ನೂ ಒಂದು ಲಕ್ಷ ಸಾಲಕ್ಕೆ ಇಷ್ಟು ಅಂತ ಕೊಡುತ್ತೇನೆ. ನಿಮ್ಮದು ಎಷ್ಟು ಲಕ್ಷವೋ ಅಷ್ಟರಿಂದ ಗುಣಿಸಿಕೊಳ್ಳಿ.

ಸಾಲ ತೆಗೆದುಕೊಂಡಾಗ ಬಡ್ಡಿ ಶೇ 7, ಅವಧಿ 20 ವರ್ಷ. ಅಂದರೆ 240 ತಿಂಗಳು. ಲಕ್ಷಕ್ಕೆ ತಿಂಗಳ ಕಂತು 775. ಮೊದಲ ಮೂರು ವರ್ಷ ದರ ಬದಲಾಗುವುದಿಲ್ಲ, ಆಮೇಲೆ ಮಾರುಕಟ್ಟೆಯ ದರದ ಜೊತೆ ಏರಿಳಿಯುತ್ತದೆ ಅಂತ ಕರಾರಿನಲ್ಲಿ ಬರೆದಿತ್ತು. ನಾವು ಕೇಳಿದ್ದು ಒಂದೇ ಪ್ರಶ್ನೆ: ತಿಂಗಳಿಗೆ ಎಷ್ಟು ಕಟ್ಟಬೇಕು? ಅದು ನಮ್ಮ ಸಂಬಳಕ್ಕೆ ಹೊಂದುತ್ತಿತ್ತು. ಸಹಿ ಹಾಕಿದೆವು.

ಮೂರು ವರ್ಷ ಕಳೆದ ಮೇಲೆ ಒಂದು ಪತ್ರ ಬಂತು. ದರ ಶೇ 8.5 ಆಗಿದೆ, ಆದರೆ ನಿಮ್ಮ ತಿಂಗಳ ಕಂತಿನಲ್ಲಿ ಬದಲಾವಣೆ ಇಲ್ಲ ಅಂತ. ನನಗೆ ಅನುಮಾನ ಬಂದು ಸಾಲ ಕೊಟ್ಟ ಸಂಸ್ಥೆಗೆ ಫೋನ್ ಮಾಡಿದೆ. "ಸರ್, ನೀವು ಈಗ ಎಷ್ಟು ಕಟ್ತಾ ಇದ್ದೀರೋ ಅಷ್ಟೇ ಕಟ್ಕೊಂಡು ಹೋಗಿ, ನಿಮಗೇನೂ ಹೊರೆ ಆಗಲ್ಲ" ಅಂದರು. ನಾನು ನಿಜವಾಗಲೂ ನೆಮ್ಮದಿಯಿಂದ ಫೋನ್ ಇಟ್ಟೆ. ದರ ಏರಿದರೂ ಕಂತು ಏರಲಿಲ್ಲವಲ್ಲ ಅಂತ ಹೆಂಡತಿಗೂ ಹೇಳಿದೆ. ಆ ಪತ್ರದ ಎರಡನೇ ಪುಟದಲ್ಲಿ, ಸಣ್ಣ ಅಕ್ಷರದಲ್ಲಿ, "ಪರಿಷ್ಕೃತ ಅವಧಿ" ಅಂತ ಒಂದು ಸಾಲು ಇತ್ತು. ಅದನ್ನು ನಾನು ಓದಲಿಲ್ಲ.

ಇನ್ನೂ ಎರಡು ವರ್ಷ ಕಳೆಯಿತು. ಯಾವುದೋ ಕೆಲಸಕ್ಕೆ ಸಾಲದ ಸ್ಟೇಟ್‌ಮೆಂಟ್ ಬೇಕಾಗಿ ತರಿಸಿದೆವು. ಹೆಂಡತಿ ಅದನ್ನು ನೋಡುತ್ತಾ, "ರೀ, ಇಲ್ಲಿ ಏನೋ ತಪ್ಪಾಗಿದೆ ನೋಡಿ. ಉಳಿದ ಕಂತು 239 ಅಂತಿದೆ" ಅಂದಳು. ನಾನೂ ಅಚ್ಚಿನ ತಪ್ಪು ಅಂತಲೇ ಅಂದುಕೊಂಡೆ. 240ರಲ್ಲಿ 60 ಕಟ್ಟಿ ಆಗಿದೆ, 180 ಉಳಿಯಬೇಕು ಅಲ್ವಾ? ಮಾರನೇ ದಿನ ಖುದ್ದಾಗಿ ಹೋಗಿ ವಿಚಾರಿಸಿದೆ. ತಪ್ಪೇನೂ ಆಗಿರಲಿಲ್ಲ. ಐದು ವರ್ಷ ಬಿಡದೆ ಕಟ್ಟಿದ್ದಕ್ಕೆ ಅವಧಿ ಇಳಿದದ್ದು ಒಂದು ತಿಂಗಳು.

ಅವತ್ತು ರಾತ್ರಿ ನಾವಿಬ್ಬರೂ ಸರಿಯಾಗಿ ನಿದ್ದೆ ಮಾಡಲಿಲ್ಲ. ಸಾಲ ತೆಗೆದಾಗ ನನಗೆ 36 ವರ್ಷ. 56ಕ್ಕೆ ಮುಗಿಯುತ್ತದೆ, ಆಮೇಲೆ ನಾಲ್ಕು ವರ್ಷದ ದುಡಿಮೆ ಕೈಯಲ್ಲಿ ಉಳಿಯುತ್ತದೆ ಅಂತ ಇದ್ದೆವು. ಈಗ ನೋಡಿದರೆ 61ರವರೆಗೆ ಕಟ್ಟಬೇಕು. ಸಂಬಳ ನಿಂತ ಮೇಲೂ ಕಂತು ನಿಲ್ಲುವುದಿಲ್ಲ.

ಹೇಗೆ ಹೀಗಾಯಿತು ಅಂತ ಅರ್ಥ ಮಾಡಿಕೊಳ್ಳಲು ನನಗೆ ಒಂದು ವಾರ ಬೇಕಾಯಿತು. ನಿಮಗೆ ಅಷ್ಟು ಹೊತ್ತು ಬೇಡ, ಇಲ್ಲೇ ಹೇಳುತ್ತೇನೆ.

ಕಂತಿನಲ್ಲಿ ಎರಡು ಪಾಲು ಇರುತ್ತದೆ. ಉಳಿದಿರುವ ಅಸಲಿನ ಮೇಲೆ ಆ ತಿಂಗಳ ಬಡ್ಡಿ ಮೊದಲು ಮುರಿದುಕೊಳ್ಳುತ್ತಾರೆ. ಅದಾದ ಮೇಲೆ ಏನು ಉಳಿಯುತ್ತದೋ ಅಷ್ಟೇ ಅಸಲಿಗೆ ಜಮಾ. ನಮ್ಮ ಮೊದಲ ಕಂತು 775ರಲ್ಲಿ ಬಡ್ಡಿಗೆ ಹೋದದ್ದು 583, ಅಸಲಿಗೆ ಹೋದದ್ದು 192. ಇದರಲ್ಲಿ ಮೋಸ ಇಲ್ಲ, ಸಾಮಾನ್ಯವಾಗಿ ಮನೆ ಸಾಲದ ಲೆಕ್ಕ ಹೀಗೇ. ಶುರುವಿನಲ್ಲಿ ಅಸಲು ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಅಸಲು ಕರಗಿದ ಹಾಗೆ ನಿಧಾನವಾಗಿ ಲೆಕ್ಕ ನಮ್ಮ ಕಡೆ ತಿರುಗುತ್ತದೆ.

ಮೂರು ವರ್ಷದ ಹೊತ್ತಿಗೆ ನಮ್ಮ ಅಸಲು ಲಕ್ಷದಿಂದ 92,335ಕ್ಕೆ ಇಳಿದಿತ್ತು. ಶೇ 7ರಲ್ಲೇ ಇದ್ದಿದ್ದರೆ ಮುಂದಿನ ಕಂತಿನಲ್ಲಿ ಬಡ್ಡಿ 539, ಅಸಲಿಗೆ 236. ದರ 8.5 ಆದ ಕೂಡಲೇ ಬಡ್ಡಿ 654 ಆಯಿತು. ಕಂತು ಅದೇ 775. ಅಸಲಿಗೆ ಉಳಿದದ್ದು ಬರೀ 121. ನೋಡಿ, ದರ ಏರಿದ್ದು ಒಂದೂವರೆ ಅಂಶ. ಅಸಲು ತೀರಿಸುವ ಪಾಲು ಮಾತ್ರ ಅರ್ಧಕ್ಕೆ ಇಳಿಯಿತು. 204 ತಿಂಗಳು ಉಳಿಯಬೇಕಾಗಿದ್ದ ಜಾಗದಲ್ಲಿ ಒಂದೇ ದಿನಕ್ಕೆ 263 ತಿಂಗಳು ಆಯಿತು. ಅಲ್ಲಿಂದ ಎರಡು ವರ್ಷ ಕಟ್ಟಿ 239ಕ್ಕೆ ಬಂದಿದ್ದೆವು.

ಐದು ವರ್ಷದಲ್ಲಿ ನಾವು ಕಟ್ಟಿದ್ದು ಒಟ್ಟು 46,518. ಅಸಲಿನಲ್ಲಿ ಇಳಿದದ್ದು 10,825. ಉಳಿದ 35,693 ಪೂರ್ತಿ ಬಡ್ಡಿ.

ಆ ಪತ್ರ ಬಂದ ದಿನವೇ ನಾನು ಕಂತನ್ನು 857ಕ್ಕೆ ಏರಿಸಿ ಅಂತ ಕೇಳಿದ್ದರೆ ಸಾಲ ಮೊದಲು ಅಂದುಕೊಂಡ ಹಾಗೆ 20 ವರ್ಷಕ್ಕೇ ಮುಗಿಯುತ್ತಿತ್ತು. ಲಕ್ಷಕ್ಕೆ ತಿಂಗಳಿಗೆ 82 ಜಾಸ್ತಿ ಅಷ್ಟೇ. ಆಗ ಒಟ್ಟು ಕಟ್ಟುವುದು ಸುಮಾರು 2,02,800 ಆಗುತ್ತಿತ್ತು. ಕಂತು ಹಾಗೇ ಬಿಟ್ಟು ಅವಧಿ ಎಳೆದರೆ ಸುಮಾರು 2,31,700. ನಮಗೆ ಹೊರೆ ಆಗಬಾರದು ಅಂತ ಮಾಡಿದ್ದು ಅಂತ ಅವರು ಹೇಳಿದ ಏರ್ಪಾಡಿನ ಬೆಲೆ ಲಕ್ಷಕ್ಕೆ 28,900. ನನಗೆ ಇದರಲ್ಲಿ ನೋವಾಗಿದ್ದು ದರ ಏರಿದ್ದಕ್ಕಲ್ಲ. ಎರಡು ದಾರಿ ಇದೆ, ಇದು ಬೇಕೋ ಅದು ಬೇಕೋ ಅಂತ ಯಾರೂ ನಮ್ಮನ್ನು ಕೇಳಲಿಲ್ಲ. ಅವರಿಗೆ ಜಾಸ್ತಿ ಬಡ್ಡಿ ಬರುವ ದಾರಿಯನ್ನೇ ಹಿಡಿದು, ನಮಗೆ ಉಪಕಾರ ಅನ್ನುವ ಹಾಗೆ ಹೇಳಿದರು.

ಇನ್ನೂ ಒಂದು ಮಾತು. ನಮ್ಮ ದರ 8.5ಕ್ಕೆ ನಿಂತಿತು. ಅದು 9.5 ಮುಟ್ಟಿದ್ದರೆ ಮೂರು ವರ್ಷ ಕಟ್ಟಿದ ಮೇಲೂ ಇನ್ನು 30 ವರ್ಷ ಉಳಿಯುತ್ತಿತ್ತು. 10.1 ಆಗಿದ್ದರೆ 775ರ ಕಂತು ಬಡ್ಡಿಗೇ ಸಾಲುತ್ತಿರಲಿಲ್ಲ. ತಿಂಗಳು ತಿಂಗಳೂ ಕಟ್ಟುತ್ತಾ ಇದ್ದರೂ ಸಾಲ ಬೆಳೆಯುತ್ತಾ ಹೋಗುತ್ತಿತ್ತು. ಅಷ್ಟೆಲ್ಲ ಏರುವುದಿಲ್ಲ ಬಿಡಿ ಅನ್ನಬೇಡಿ. ದೇಶದ ಕೇಂದ್ರ ಬ್ಯಾಂಕ್ ತನ್ನ ದರ ಏರಿಸಿದರೆ ಇಂಥ ಸಾಲದ ದರವೂ ಸಾಮಾನ್ಯವಾಗಿ ಅದರ ಹಿಂದೆಯೇ ಏರುತ್ತದೆ. ಬ್ಯಾಂಕ್ ಆಫ್ ಇಂಗ್ಲೆಂಡಿನ ಮೂಲ ದರ 2021ರ ಡಿಸೆಂಬರ್ ಶುರುವಿನಲ್ಲಿ ಶೇ 0.1 ಇತ್ತು. 2023ರ ಆಗಸ್ಟ್ ಹೊತ್ತಿಗೆ 5.25 ಆಗಿತ್ತು. ಅಮೆರಿಕದ ಫೆಡರಲ್ ರಿಸರ್ವ್ ಸೊನ್ನೆಯ ಹತ್ತಿರ ಇದ್ದ ದರವನ್ನು 2022ರ ಮಾರ್ಚ್‌ನಿಂದ ಏರಿಸುತ್ತಾ 2023ರ ಜುಲೈಗೆ 5.25–5.5ಕ್ಕೆ ತಂದಿತು. ಭಾರತದ ರಿಸರ್ವ್ ಬ್ಯಾಂಕ್ ರೆಪೋ ದರವನ್ನು, ಅಂದರೆ ತಾನು ಬ್ಯಾಂಕುಗಳಿಗೆ ಕೊಡುವ ಸಾಲದ ದರವನ್ನು, 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ 4ರಿಂದ 6.5ಕ್ಕೆ ಏರಿಸಿತು. 20 ವರ್ಷ ಅಂದರೆ ಉದ್ದದ ಕಾಲ. ಅಷ್ಟರಲ್ಲಿ ಹೀಗೆ ಒಂದೆರಡು ಸಲ ಆಗಬಹುದು ಅಂತ ಲೆಕ್ಕದಲ್ಲಿ ಇಟ್ಟುಕೊಂಡೇ ಸಾಲಕ್ಕೆ ಕೈ ಹಾಕಬೇಕು.

ಈಗ ವಿಮೆಯ ವಿಷಯ. ಸಾಲದ ಜೊತೆಗೇ ಒಂದು ವಿಮೆ ಮಾಡಿಸಿದರು. ಕಡ್ಡಾಯ ಅಂದರು, ನಾವು ಕರಾರಿನಲ್ಲಿ ಹುಡುಕಲೂ ಇಲ್ಲ. ಪೂರ್ತಿ ಪ್ರೀಮಿಯಂ ಒಂದೇ ಸಲ, ಲಕ್ಷಕ್ಕೆ 3,000ದಷ್ಟು, ಸಾಲಕ್ಕೇ ಸೇರಿಸಿಬಿಟ್ಟರು. ಕೈಯಿಂದ ಕೊಡಬೇಕಾಗಿಲ್ಲವಲ್ಲ ಅಂತ ಸುಮ್ಮನಾದೆವು. ಆದರೆ ಆ 3,000ಕ್ಕೂ 20 ವರ್ಷ ಬಡ್ಡಿ ಬೀಳುತ್ತದೆ. ಶೇ 7ರಲ್ಲೇ ಅಸಲು ಬಡ್ಡಿ ಸೇರಿ ಅದು 5,580 ದಾಟುತ್ತದೆ. ಅದಕ್ಕಿಂತ ಕಳವಳದ ವಿಷಯ ಬೇರೆ ಇದೆ. ವಿಮೆ ಇರುವುದು 20 ವರ್ಷಕ್ಕೆ. ಸಾಲ ಆಗ 25 ವರ್ಷಕ್ಕೆ ಹೋಗಿತ್ತು. ವಿಮೆಯ ಮೊತ್ತ ವರ್ಷ ವರ್ಷಕ್ಕೆ ಇಳಿಯುವುದು 20 ವರ್ಷಕ್ಕೆ ಹಾಕಿದ ಹಳೆಯ ಪಟ್ಟಿಯ ಪ್ರಕಾರ. ನಮ್ಮ ನಿಜವಾದ ಅಸಲು ಅಷ್ಟು ಬೇಗ ಇಳಿಯುತ್ತಿರಲಿಲ್ಲ. ನನಗೇನಾದರೂ ಆದರೆ ಮನೆಯವರ ಮೇಲೆ ಸಾಲ ಬೀಳಬಾರದು ಅಂತ ಮಾಡಿಸಿದ ವಿಮೆ, ಪೂರ್ತಿ ಸಾಲವನ್ನು ತೀರಿಸುತ್ತಲೇ ಇರಲಿಲ್ಲ. ನಿಮ್ಮ ಸಾಲದ ಅವಧಿ ಬದಲಾಗಿದ್ದರೆ ವಿಮೆಯ ಕಾಗದವನ್ನೂ ತೆಗೆದು ನೋಡಿ. ಇದನ್ನು ನಮಗೆ ಯಾರೂ ಹೇಳಿರಲಿಲ್ಲ.

ಇನ್ನೂ ಸಾಲ ತೆಗೆದಿಲ್ಲ ಅನ್ನುವವರಿಗೆ ಒಂದು ಲೆಕ್ಕ ತೋರಿಸುತ್ತೇನೆ. ಶೇ 7ರಲ್ಲಿ ಲಕ್ಷಕ್ಕೆ 15 ವರ್ಷದ ಕಂತು 899, 20 ವರ್ಷದ್ದು 775, 30 ವರ್ಷದ್ದು 665. ಕೊನೆಯದು ಎಷ್ಟು ಹಗುರ ಅನ್ನಿಸುತ್ತದೆ ಅಲ್ವಾ? ಒಟ್ಟು ಬಡ್ಡಿ ನೋಡಿ. 15 ವರ್ಷಕ್ಕೆ ಸುಮಾರು 61,800, 20 ವರ್ಷಕ್ಕೆ 86,000, 30 ವರ್ಷಕ್ಕೆ 1,39,500. ಇಪ್ಪತ್ತರಿಂದ ಮೂವತ್ತಕ್ಕೆ ಹೋದರೆ ತಿಂಗಳಿಗೆ ಉಳಿಯುವುದು 110, ಕೊನೆಗೆ ಜಾಸ್ತಿ ಕೊಡುವುದು 53,000ಕ್ಕೂ ಮೇಲೆ. ಮನೆ ತೋರಿಸುವವರು, ಸಾಲ ಕೊಡುವವರು ಎಲ್ಲರೂ ಮಾತಾಡುವುದು ತಿಂಗಳ ಕಂತಿನ ಬಗ್ಗೆ ಮಾತ್ರ. ಒಟ್ಟು ಎಷ್ಟಾಗುತ್ತದೆ ಅನ್ನುವ ಪ್ರಶ್ನೆ ನಿಮ್ಮ ಬಾಯಿಂದಲೇ ಬರಬೇಕು.

ಮುಂದೆ ಹಣದ ಬೆಲೆ ಇಳಿಯುತ್ತದೆ, 20 ವರ್ಷ ಆದ ಮೇಲೆ ಇದೇ ಕಂತು ಚಿಕ್ಕದಾಗಿ ಕಾಣುತ್ತದೆ ಅಂತ ಕೆಲವರು ಸಮಾಧಾನ ಹೇಳಿದರು. ಅದು ಸುಳ್ಳಲ್ಲ. ಆದರೆ ಸಂಬಳವೂ ಜೊತೆಗೆ ಏರುತ್ತಾ ಇದ್ದರೆ ಮಾತ್ರ ಹಾಗೆ ಕಾಣುವುದು. 239 ತಿಂಗಳು ಅಂತ ಹಾಗೇ ಬಿಟ್ಟಿದ್ದರೆ ನಮ್ಮ ಕೊನೆಯ ಕಂತುಗಳು ಬೀಳುತ್ತಿದ್ದದ್ದು ಸಂಬಳ ನಿಂತ ಮೇಲೆ. ಮನೆಯ ತೆರಿಗೆ, ರಿಪೇರಿ, ಬಣ್ಣ ಇವೆಲ್ಲ ಬೇರೆಯೇ ಖರ್ಚು, ಅದನ್ನು ನಾನಿಲ್ಲಿ ಸೇರಿಸಿಲ್ಲ.

ನಾವು ಏನು ಮಾಡಿದೆವು ಅಂತಲೂ ಹೇಳಬೇಕು. ಅರ್ಜಿ ಬರೆದು ಕೊಟ್ಟೆವು: ನಮಗೆ ಉಳಿದ ಅವಧಿ 180 ತಿಂಗಳೇ ಬೇಕು, ಅದಕ್ಕೆ ತಕ್ಕ ಹಾಗೆ ಕಂತು ಏರಿಸಿ ಅಂತ. ಲಕ್ಷಕ್ಕೆ 775 ಇದ್ದದ್ದು 878 ಆಯಿತು. ಕಷ್ಟವೇ. ಎರಡು ಮೂರು ಖರ್ಚು ನಿಲ್ಲಿಸಿದ್ದೇವೆ. ಆದರೆ 239 ತಿಂಗಳು ಕಟ್ಟುವುದಕ್ಕೆ ಹೋಲಿಸಿದರೆ ಲಕ್ಷಕ್ಕೆ 27,000ದಷ್ಟು ಉಳಿಯುತ್ತದೆ. ಎರಡು ವರ್ಷ ಮೊದಲೇ ಎಚ್ಚೆತ್ತಿದ್ದರೆ 857ರಲ್ಲಿ ಆಗುತ್ತಿದ್ದ ಕೆಲಸ ಇದು.

ಅರ್ಜಿ ಕೊಡುವಾಗ ಇನ್ನೊಂದು ವಿಷಯ ಗೊತ್ತಾಯಿತು. ಕೈಗೆ ಸ್ವಲ್ಪ ಹಣ ಬಂದಾಗ ಅಸಲಿಗೆ ಕಟ್ಟಿದರೆ, ಅದರಿಂದ ಕಂತು ಇಳಿಸಬೇಕೋ ಅವಧಿ ಇಳಿಸಬೇಕೋ ಅಂತ ನಾವೇ ಬರೆದುಕೊಡಬೇಕು. ಅವಧಿ ಇಳಿಸಿ ಅಂತ ಸ್ಪಷ್ಟವಾಗಿ ಬರೆಯಿರಿ, ಬಡ್ಡಿ ಜಾಸ್ತಿ ಉಳಿಯುವುದು ಅದರಲ್ಲೇ. ಮುಂಚೆ ಕಟ್ಟಿದರೆ ದಂಡ ಇದೆಯಾ ಅಂತ ಸಹಿ ಹಾಕುವ ಮೊದಲೇ ಕೇಳಿ. ಮುಂದೆ ದರ ಇಳಿದಾಗ ಕಂತು ಇಳಿಸಿಕೊಳ್ಳಬೇಡಿ, ಅಷ್ಟೇ ಕಟ್ಟಿಕೊಂಡು ಹೋಗಿ. ಹೊಸ ಗ್ರಾಹಕರಿಗೆ ಈಗ ಎಷ್ಟು ದರ ಅಂತಲೂ ವಿಚಾರಿಸಿ. ನಮಗಿಂತ ಕಡಿಮೆ ಇತ್ತು. ಆ ದರಕ್ಕೆ ಬದಲಾಯಿಸಲು ಒಂದು ಶುಲ್ಕ ಕೇಳಿದ್ದಾರೆ, ಅದನ್ನು ಕಟ್ಟಿದರೆ ಲಾಭವೋ ಇಲ್ಲವೋ ಅಂತ ನೋಡುತ್ತಿದ್ದೇವೆ.

ನಿಮ್ಮ ಸಾಲವನ್ನು ನೀವೇ ಪರೀಕ್ಷೆ ಮಾಡಲು ಗಣಿತ ಜಾಸ್ತಿ ಬೇಡ. ಉಳಿದ ಅಸಲನ್ನು ಈಗಿನ ದರದಿಂದ ಗುಣಿಸಿ, 100ರಿಂದ ಭಾಗಿಸಿ, ಮತ್ತೆ 12ರಿಂದ ಭಾಗಿಸಿ. ಅದು ಈ ತಿಂಗಳ ಬಡ್ಡಿ. ಕಂತಿನಿಂದ ಅದನ್ನು ಕಳೆಯಿರಿ. ಉಳಿದದ್ದು ಅಸಲಿಗೆ ಹೋಗುವ ಪಾಲು. ಕಂತು ಅಷ್ಟೇ ಇದ್ದೂ ಆ ಪಾಲು ಹೋದ ವರ್ಷಕ್ಕಿಂತ ಕಡಿಮೆ ಆಗಿದ್ದರೆ ನಿಮ್ಮ ಅವಧಿ ಉದ್ದವಾಗಿದೆ ಅಂತಲೇ ತಿಳಿಯಿರಿ. ಎಷ್ಟು ಉದ್ದ ಅಂತ ತಿಳಿಯಲು ಎಕ್ಸೆಲ್‌ನಲ್ಲಿ ಎನ್‌ಪರ್ (NPER) ಅನ್ನುವ ಫಾರ್ಮುಲಾ ಇದೆ. ತಿಂಗಳ ದರ (ವರ್ಷದ ದರವನ್ನು 100ರಿಂದ, ಮತ್ತೆ 12ರಿಂದ ಭಾಗಿಸಿದ್ದು), ಕಂತು, ಮೈನಸ್ ಗುರುತು ಹಾಕಿದ ಉಳಿದ ಅಸಲು, ಈ ಮೂರು ಕೊಟ್ಟರೆ ಉಳಿದ ತಿಂಗಳು ತೋರಿಸುತ್ತದೆ. ನಾನು ಮೊದಲ ಸಲ ಹಾಕಿದಾಗ 238.85 ಅಂತ ಬಂತು. ಸ್ಟೇಟ್‌ಮೆಂಟಿನಲ್ಲಿದ್ದ 239 ನಿಜ ಅಂತ ಆಗಲೇ ನಂಬಿದ್ದು.

ದರ ಬದಲಾಯಿತು ಅಂತ ಯಾವ ಪತ್ರ ಬಂದರೂ, ಯಾವ ಮೆಸೇಜ್ ಬಂದರೂ, ಕಂತು ಎಷ್ಟು ಅಂತ ಮಾತ್ರ ನೋಡಿ ಬಿಡಬೇಡಿ. ಉಳಿದ ತಿಂಗಳು ಎಷ್ಟು ಅಂತ ಬರಹದಲ್ಲಿ ಕೇಳಿ. ಬಾಯಿ ಮಾತಿನಲ್ಲಿ ಹೇಳಿದ್ದನ್ನು ನಂಬಿ ಫೋನ್ ಇಡಬೇಡಿ.

ಹೋದ ವಾರ ನಮ್ಮ ಹೊಸ ಸ್ಟೇಟ್‌ಮೆಂಟ್ ಬಂತು. ಕಂತು ಏರಿಸಿ ಒಂದು ವರ್ಷ ಆಗಿದೆ. ಅದಕ್ಕೆ ಮೊದಲು ಎರಡು ವರ್ಷದಲ್ಲಿ ಇಳಿದಿದ್ದ ಅಸಲು 3,160. ಈ ಒಂದೇ ವರ್ಷದಲ್ಲಿ 3,076 ಇಳಿದಿದೆ. ಹೆಂಡತಿ ಮೊದಲು ಎರಡನೇ ಪುಟ ತಿರುಗಿಸಿ ಉಳಿದ ಕಂತಿನ ಸಾಲನ್ನು ನೋಡಿದಳು. 168 ಅಂತ ಇತ್ತು.