ಬೀಗ ಹಾಕುವ ಅಪ್ಪ, ಹಿಂದೆ ಓಡುವ ಅಪ್ಪ: ಆಟಿ ಮಳೆಯಲ್ಲಿ 54 ಸುತ್ತು ಆಡಿ ನೋಡಿದ್ದು

ಆಟಿ ತಿಂಗಳು, ಅಂದರೆ ತುಳುವರ ಲೆಕ್ಕದ ಜಡಿಮಳೆಯ ತಿಂಗಳು, ಬಂತೆಂದರೆ ನಮ್ಮ ಮನೆಯಲ್ಲಿ ಚೆನ್ನೆಮಣೆ ಅಟ್ಟದಿಂದ ಕೆಳಗೆ ಬರಬೇಕು. 14 ಗುಳಿ, ಗುಳಿಗೆ ನಾಲ್ಕರಂತೆ 56 ಕಾಯಿ, ಹೊರಗೆ ಧೋ ಎಂದು ಮಳೆ. ಈ ವರ್ಷ ಮಣೆ ಅಟ್ಟದಲ್ಲೇ ಉಳಿಯಿತು. ಅದಕ್ಕೆ ನಾನೂ ಪೆರ್ಲದ ಭಾವನೂ ಕಾರಣ ಅಂತ ಅಜ್ಜಿಯ ದೂರು. ಎರಡೂ ಕಾಸರಗೋಡು ಜಿಲ್ಲೆಯ ಊರುಗಳೇ. ನಾನು ಬದಿಯಡ್ಕದಲ್ಲಿ, ಅವನು ಪೆರ್ಲದಲ್ಲಿ, ನಡುವೆ ಇಂಟರ್ನೆಟ್ಟು. ಭಾವ ಕನ್ನಡ ಮಾಧ್ಯಮ ಶಾಲೆಯ ಮಾಷ್ಟ್ರು. ನಾಳೆ ರಜೆ ಅಂತ ಕಲೆಕ್ಟರ್ ರಾತ್ರಿ ಹೇಳಿದ ಕೂಡಲೇ ಮಕ್ಕಳಿಗಿಂತ ಮೊದಲು ಖುಷಿಪಡುವವನು ಅವನೇ.

ನಾವು ಆಡಿದ್ದು ‘ಹೂಸ್ ಯುವರ್ ಡ್ಯಾಡಿ’. 2015ರ ಡಿಸೆಂಬರಿನಲ್ಲಿ ಸ್ಟೀಮ್ ಎಂಬ ಕಂಪ್ಯೂಟರ್ ಆಟಗಳ ಆನ್‌ಲೈನ್ ಅಂಗಡಿಯಲ್ಲಿ ಅರ್ಧ ಬೆಂದ ಸ್ಥಿತಿಯಲ್ಲೇ ಬಂದ ಸಣ್ಣ ಆಟ ಇದು. ಒಬ್ಬ ಅಪ್ಪ, ಇನ್ನೊಬ್ಬ ಅಂಬೆಗಾಲಿಡುವ ಮಗು. ಮನೆ ತುಂಬ ಮಗುವಿನ ಜೀವಕ್ಕೆ ಎರವಾಗುವ ಸಾಮಾನು: ಬ್ಲೀಚ್ ಬಾಟಲಿ, ಬ್ಯಾಟರಿ, ಪ್ಲಗ್ ಪಾಯಿಂಟ್, ನೀರು ತುಂಬಿದ ಬಾತ್‌ಟಬ್, ಓವನ್. ಮಗುವಿಗೆ ಹೇಗಾದರೂ ಅಪಾಯಕ್ಕೆ ಸಿಕ್ಕಿಬೀಳಬೇಕು. ಅಪ್ಪನಿಗೆ ಸಮಯ ಮುಗಿಯುವವರೆಗೆ ಅದನ್ನು ಉಳಿಸಿಕೊಳ್ಳಬೇಕು. ಕೇಳುವಾಗ ಕರಾಳ ಅನ್ನಿಸುತ್ತದೆ, ಹೌದು ಕರಾಳವೇ. ಆದರೆ ಆಡುವಾಗ ಎಲ್ಲವೂ ಲೊಡಲೊಡ. ಕುರ್ಚಿ ಹಾರುತ್ತದೆ, ಅಪ್ಪ ಮುಗ್ಗರಿಸುತ್ತಾನೆ, ಮಗು ಫೋರ್ಕು ಹಿಡಿದು ನಗುನಗುತ್ತಾ ಓಡುತ್ತದೆ. ದೊಡ್ಡವರ ತಮಾಷೆ ಇದು. ಸಣ್ಣ ಮಕ್ಕಳ ಕೈಗೆ ಕೊಡುವಂಥದ್ದಲ್ಲ, ಪಕ್ಕದಲ್ಲಿ ಕೂರಿಸಿ ತೋರಿಸುವಂಥದ್ದೂ ಅಲ್ಲ.

ಎಲ್ಲ ಸುತ್ತಿನಲ್ಲೂ ನಾನೇ ಅಪ್ಪ. ಭಾವ ಮಗು ಆಗುವುದರಲ್ಲಿ ನಿಸ್ಸೀಮ, ಅವನ ಹೆಂಡತಿಯನ್ನು ಕೇಳಿದರೂ ಅದನ್ನೇ ಹೇಳಿಯಾಳು. ಒಂದೊಂದು ತಂತ್ರಕ್ಕೆ 12 ಸುತ್ತು ಅಂತ ಮಾತಾಯಿತು. ಲೆಕ್ಕ ಬರೆದದ್ದು ಅಡಿಕೆ ಮಾರಿದ ಚೀಟಿಯ ಹಿಂಬದಿಯಲ್ಲಿ.

ಮೊದಲಿನದು ಬೀಗದ ತಂತ್ರ. ಹೊಸಬರೆಲ್ಲ ಇದನ್ನೇ ಮಾಡುತ್ತಾರೆ, ನಾನೂ ಮಾಡಿದೆ. ಆಟ ಶುರುವಾದ ಕೂಡಲೇ ಬೀಗ ಹಿಡಿದು ಕಪಾಟಿನಿಂದ ಕಪಾಟಿಗೆ ಓಡುವುದು, ಪ್ಲಗ್ ಪಾಯಿಂಟುಗಳಿಗೆ ಮುಚ್ಚಳ ಹಾಕುವುದು. ಮೊದಲ ಮೂರು ಸುತ್ತು ಗೆದ್ದೆ. ಅಬ್ಬ, ಇಷ್ಟೇನಾ ಅನ್ನಿಸಿತು. ನಾಲ್ಕನೆಯ ಸುತ್ತಿನಿಂದ ಭಾವನಿಗೆ ಗುಟ್ಟು ಗೊತ್ತಾಯಿತು. ನಾನು ಎಲ್ಲಿ ಬೀಗ ಹಾಕುತ್ತಿದ್ದೇನೋ ಅಲ್ಲಿ ಅವನು ಬರುವುದೇ ಇಲ್ಲ. ನಾನು ಅಡುಗೆಮನೆಯಲ್ಲಿ ಬಗ್ಗಿ ಕೂತಿದ್ದರೆ ಅವನು ಬಾತ್‌ರೂಮಿನಲ್ಲಿ. ಬಾತ್‌ಟಬ್‌ಗೆ ಬಾಗಿಲೇ ಇಲ್ಲ, ಬೀಗ ಎಲ್ಲಿಗೆ ಹಾಕುವುದು?

ಇನ್ನೊಂದು ವಿಷಯ ತಿಳಿಯಲು ನನಗೆ ಹತ್ತು ಸುತ್ತು ಬೇಕಾಯಿತು. ಬೀಗ ಬಿದ್ದ ಕಪಾಟು ಮಗುವಿಗೆ ಸಹಾಯವನ್ನೇ ಮಾಡುತ್ತದೆ. ‘ಇಲ್ಲಿ ಹುಡುಕಬೇಡ, ಬೇರೆ ಕಡೆ ನೋಡು’ ಅಂತ ನಾನೇ ಬೋರ್ಡು ನೇತು ಹಾಕಿದ ಹಾಗೆ. ಬೀಗಗಳೂ ಮನೆಗೆ ಸಾಲುವಷ್ಟು ಸಿಗುವುದಿಲ್ಲ. ಆದ್ದರಿಂದ ಉಳಿದ ಕಪಾಟು ಯಾವುದು ಅಂತ ಹುಡುಕುವ ಕೆಲಸ ಅವನಿಗೆ ಹಗುರ. 12ರಲ್ಲಿ ಗೆದ್ದದ್ದು 4. ಅದರಲ್ಲಿ ಮೂರು ಆ ಮೊದಲಿನ ಮೂರೇ.

ಎರಡನೆಯದು ಬೆನ್ನು ಹತ್ತುವುದು. ಬೀಗ ಗೀಗ ಏನೂ ಬೇಡ. ಮಗು ಎಲ್ಲಿ ಹೋದರೆ ಅಲ್ಲಿ, ಕಬಡ್ಡಿಯಲ್ಲಿ ರೈಡರ್ ಮೇಲೆ ಕಣ್ಣು ನೆಟ್ಟು ನಿಂತ ಹಾಗೆ. ಎತ್ತಿಕೊಂಡು ಬೇರೆ ಕೋಣೆಗೆ ಒಯ್ದು ಬಿಡಬಹುದು, ಕೈಯಲ್ಲಿದ್ದದ್ದನ್ನು ಬೀಳಿಸಬಹುದು. ಏನಾದರೂ ತಿಂದು ಜೀವ ಇಳಿಯುತ್ತಿದ್ದರೆ ಮಾತ್ರೆ ಕೊಟ್ಟು ಏರಿಸಬಹುದು. ಇದರಲ್ಲಿ ಮಜಾ ಜಾಸ್ತಿ, ಗೆಲುವು ಅಷ್ಟಕ್ಕಷ್ಟೇ. ಮಗು ಸಣ್ಣದು, ಅಪ್ಪನಿಗೆ ತೂರಲಾಗದ ಸಂದಿಯಲ್ಲಿ ಅದು ತೂರುತ್ತದೆ. ಅದಕ್ಕಿಂತ ದೊಡ್ಡ ತೊಂದರೆ ಏನೆಂದರೆ, ಹಿಂದೆ ಓಡುವವನ ಬುದ್ಧಿಯೂ ಹಿಂದೆಯೇ ಓಡುತ್ತದೆ. ಭಾವ ಬೇಕೆಂದೇ ಒಂದು ಬ್ಯಾಟರಿ ತಿನ್ನುತ್ತಾನೆ. ನಾನು ಮಾತ್ರೆ ಹುಡುಕಲು ಓಡುತ್ತೇನೆ. ಅಷ್ಟರಲ್ಲಿ ಅವನು ನಿಜವಾಗಿ ಬೇಕಾದ ಕಡೆಗೆ ಹೋಗಿರುತ್ತಾನೆ. ಬ್ಯಾಟರಿ ಅವನಿಗೆ ಊಟವಲ್ಲ, ಗಾಳಕ್ಕೆ ಸಿಕ್ಕಿಸಿದ ಎರೆಹುಳು. ಈ ಉಪಾಯಕ್ಕೆ ನಾನು ಐದು ಸಲ ಬಿದ್ದೆ. ಐದನೆಯ ಸಲ ಅವನು ಫೋನಿನಲ್ಲಿ ನಕ್ಕದ್ದು ಅಡುಗೆಮನೆವರೆಗೆ ಕೇಳಿತು.

(ಆಟದಲ್ಲಿ ಮಾತ್ರೆ ಕೊಟ್ಟರೆ ಮುಗಿಯಿತು. ನಿಜದಲ್ಲಿ ಹಾಗಲ್ಲ. ರಿಮೋಟಿನಲ್ಲಿ, ವಾಚಿನಲ್ಲಿ ಇರುವ ಬಟನ್ ಸೆಲ್ ಮಗುವಿನ ಅನ್ನನಾಳದಲ್ಲಿ ಸಿಕ್ಕಿಕೊಂಡರೆ ಎರಡೇ ಗಂಟೆಯಲ್ಲಿ ಒಳಗೆ ಸುಡಬಹುದು. ಅನುಮಾನ ಬಂದ ಕೂಡಲೇ ಆಸ್ಪತ್ರೆಗೆ ಓಡಬೇಕು, ಕಾಯುವಂತಿಲ್ಲ. ಈ ಆಟ ಆಡಿದ ಮೇಲೆ ನಮ್ಮ ಮನೆಯ ರಿಮೋಟುಗಳ ಹಿಂಬದಿಗೆಲ್ಲ ಟೇಪು ಸುತ್ತಿದ್ದೇನೆ. ಅಕ್ಕನ ಮಗು ಬರುವುದುಂಟು.)

ಬೆನ್ನು ಹತ್ತಿ ಗೆದ್ದದ್ದು 5. ಬೀಗಕ್ಕಿಂತ ಒಂದು ಜಾಸ್ತಿ. ಆದರೆ ಪ್ರತಿ ಸುತ್ತು ಮುಗಿಯುವಾಗ ಏಣಿ ಹೊತ್ತು ಇಡೀ ತೋಟ ಸುತ್ತಿ ಬಂದ ಸುಸ್ತು.

ಈ ಹೊತ್ತಿಗೆ ಅಜ್ಜಿ ಹಿಂದೆ ಬಂದು ಕೂತಿದ್ದರು. ಪರದೆಯಲ್ಲಿ ಏನು ನಡೆಯುತ್ತಿದೆ ಅಂತ ಒಂದೆರಡು ಸುತ್ತು ನೋಡಿದರು. ಆಮೇಲೆ ತಡೆಯಲಾಗದೆ ಹೇಳಿದರು, “ಹಿಂದಂದ ಓಡೆಡ ಮಾಣಿ, ಎದುರು ಹೋಗಿ ನಿಲ್ಲು.” ಹಿಂದಿನಿಂದ ಓಡಬೇಡ, ಎದುರು ಹೋಗಿ ನಿಲ್ಲು. ನಾನು ಆಗ ಅದನ್ನು ಕಿವಿಗೆ ಹಾಕಿಕೊಳ್ಳಲಿಲ್ಲ.

ಮೂರನೆಯದರ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಚೆಲ್ಲಾಪಿಲ್ಲಿ ಬಿದ್ದ ಆಟಿಕೆಗಳನ್ನು ಪೆಟ್ಟಿಗೆಗೆ ಹಾಕುವಂಥ ಮನೆಗೆಲಸ ಮಾಡಿ ಮುಗಿಸಿದರೆ ಆಟ ಅಪ್ಪನಿಗೆ ವಿಶೇಷ ಬಲ ಕೊಡುತ್ತದೆ. ಅದು ಸಿಕ್ಕಿದ ಮೇಲೆ ಅಪ್ಪನ ಕೈ ಮೇಲೆ, ನಿಜ. ಆದರೆ ಸಿಗುವವರೆಗೆ ಮಗು ಕಾಯಬೇಕಲ್ವಾ? ಎದುರಿಗೆ ಇರುವವನು ನಿಧಾನಿಯಾದರೆ ಮಾತ್ರ ಇದು ನಡೆಯುತ್ತದೆ. ಭಾವ ಮೊದಲ ಅರ್ಧ ನಿಮಿಷದಲ್ಲೇ ನುಗ್ಗುವ ಗಿರಾಕಿ. ಗೆದ್ದದ್ದು 3. ಅದರಲ್ಲಿ ಒಂದು ಪೆರ್ಲದಲ್ಲಿ ಕರೆಂಟು ಹೋದದ್ದರಿಂದ. ನಾನು ಅದನ್ನೂ ಲೆಕ್ಕಕ್ಕೆ ಹಿಡಿದಿದ್ದೇನೆ, ಭಾವ ಈವತ್ತಿಗೂ ಒಪ್ಪಿಲ್ಲ.

ನಾಲ್ಕನೆಯ ತಂತ್ರ ಬಂದದ್ದು ಕಂಪ್ಯೂಟರಿನ ಮುಂದೆ ಅಲ್ಲ, ಪತ್ತಾಯದ ಮುಂದೆ, ಅಂದರೆ ಅಕ್ಕಿ ತುಂಬಿಡುವ ದೊಡ್ಡ ಮರದ ಪೆಟ್ಟಿಗೆಯ ಮುಂದೆ. ಮಳೆಗಾಲ ಅಂದರೆ ನಮ್ಮಲ್ಲಿ ಅಡಿಕೆಗೆ ಮದ್ದು ಬಿಡುವ ಕಾಲ. ಕೊಳೆರೋಗ ಬಾರದ ಹಾಗೆ ಬೋರ್ಡೋ ದ್ರಾವಣ: ನೂರು ಲೀಟರ್ ನೀರಿಗೆ ಒಂದು ಕಿಲೋ ಮೈಲುತುತ್ತು, ಒಂದು ಕಿಲೋ ಸುಣ್ಣ. ಈ ಮೈಲುತುತ್ತು ಗಟ್ಟಿ ವಿಷ. ನೋಡಲು ಮಾತ್ರ ಎಷ್ಟು ಚಂದ! ನೀಲಿ ಬಣ್ಣದ ಕಲ್ಲುಸಕ್ಕರೆ ಹಾಗೆ ಫಳಫಳ. ಸಣ್ಣ ಮಕ್ಕಳ ಕೈ ಮೊದಲು ಹೋಗುವುದೇ ಅಲ್ಲಿಗೆ. ಅಜ್ಜಿ ಏನು ಮಾಡುತ್ತಾರೆ ಗೊತ್ತಾ? ಕೋಣೆಗೊಂದು ಬೀಗ ಹಾಕುತ್ತಾ ಹೋಗುವುದಿಲ್ಲ. ಮೈಲುತುತ್ತು, ಇಲಿಪಾಷಾಣ, ಫಿನಾಯಿಲು, ನನ್ನ ಅಜ್ಜನ ಹಳೆಯ ಕ್ಷೌರದ ಕತ್ತಿ, ಎಲ್ಲವನ್ನೂ ಹಳೆಯ ಪತ್ತಾಯಕ್ಕೆ ಹಾಕಿ ಒಂದೇ ಬೀಗ ಜಡಿಯುತ್ತಾರೆ. ಅಕ್ಕಿ ತುಂಬುವ ಕಾಲ ಮುಗಿದ ಮೇಲೆ ಆ ಪತ್ತಾಯಕ್ಕೆ ಬೇರೆ ಕೆಲಸವೂ ಇಲ್ಲ. ಮಗು ಮನೆ ತುಂಬ ಹರಿದಾಡಲಿ, ಮುಟ್ಟಬಾರದ್ದು ಕೈಗೇ ಸಿಗುವುದಿಲ್ಲ.

ಅವತ್ತು ಮದ್ದಿನ ದಿನ. ಪತ್ತಾಯದಿಂದ ತುತ್ತಿನ ಚೀಲ ಎತ್ತುವಾಗ ತಲೆಗೆ ಹೊಳೆಯಿತು. ಆಟದ ಅಪ್ಪನಿಗೂ ಸಾಮಾನು ಎತ್ತಿ ಬೇರೆ ಕಡೆ ಇಡಲು ಬರುತ್ತದಲ್ವಾ! ಕಪಾಟುಗಳಿಗೆ ಬೀಗ ಹಾಕುತ್ತಾ ಕೂರುವ ಬದಲು ಬಾಟಲಿ, ಬ್ಯಾಟರಿ, ಫೋರ್ಕು ಎಲ್ಲ ಒಂದೇ ಕಪಾಟಿಗೆ ತುಂಬಿ ಅದಕ್ಕೊಂದು ಬೀಗ ಜಡಿದರೆ?

ಮಾಡಿ ನೋಡಿದೆ. ಮೊದಲ ಎರಡು ಸುತ್ತು ಸೋತೆ. ಸಾಮಾನು ಸಾಗಿಸುವುದು ಕಷ್ಟ, ಕೈಯಿಂದ ಜಾರುತ್ತದೆ. ಒಂದು ಸಲ ಬ್ಲೀಚ್ ಬಾಟಲಿ ಸೀದಾ ಮಗುವಿನ ಎದುರೇ ಹೋಗಿ ಬಿತ್ತು, ನಾನೇ ಬಡಿಸಿದ ಹಾಗೆ. ಮೂರನೆಯ ಸುತ್ತಿನಿಂದ ಹದ ಸಿಕ್ಕಿತು. ಇಡೀ ಮನೆ ಖಾಲಿ ಮಾಡುವ ಆಸೆ ಬಿಡಬೇಕು. ಮಗು ಇರುವ ಜಾಗಕ್ಕೆ ಹತ್ತಿರದ್ದನ್ನು ಮೊದಲು ಎತ್ತಬೇಕು, ದೂರದ್ದು ಆಮೇಲೆ. ಕಪಾಟು ಮನೆಯ ನಡುಭಾಗದಲ್ಲಿರುವುದನ್ನೇ ಆರಿಸಬೇಕು, ಹೋಗಿ ಬರುವಾಗ ಮಗುವಿನ ಮೇಲೆ ಕಣ್ಣು ಇರುತ್ತದೆ. ಅಜ್ಜಿ ಹೇಳಿದ ‘ಎದುರು ಹೋಗಿ ನಿಲ್ಲು’ ಅಂದರೆ ಏನು ಅಂತ ಆಗ ಗೊತ್ತಾಯಿತು. ಮಗು ಎಲ್ಲಿದೆ ಅಂತ ನೋಡುವುದಲ್ಲ, ಮುಂದೆ ಎಲ್ಲಿಗೆ ಹೋದೀತು ಅಂತ ನೋಡುವುದು. ಬಾತ್‌ಟಬ್ ಮಾತ್ರ ಎತ್ತಿಡಲು ಬರುವುದಿಲ್ಲವಲ್ಲ. ಹಾಗಾಗಿ ಬೇರೆಲ್ಲ ಎತ್ತಿಟ್ಟ ಮೇಲೆ ನಾನು ಬಾತ್‌ರೂಮಿನ ದಾರಿಯಲ್ಲೇ ಪಹರೆ. ಭಾವನಿಗೆ ಬೇರೆ ದಾರಿ ಉಳಿಯುತ್ತಿರಲಿಲ್ಲ, ಅಲ್ಲಿಗೇ ಬರಬೇಕಿತ್ತು. ಬಂದ ಕೂಡಲೇ ಎತ್ತಿ ಹಜಾರಕ್ಕೆ.

12ರಲ್ಲಿ 8 ಗೆದ್ದೆ.

ಇಷ್ಟು ಹೇಳಿದ ಮೇಲೆ ಒಂದು ಸಣ್ಣ ಪ್ರಾಮಾಣಿಕತೆ ಬೇಕು. ನಾಲ್ಕನೆಯ ತಂತ್ರಕ್ಕೆ ಬರುವ ಹೊತ್ತಿಗೆ ನಾನು 36 ಸುತ್ತು ಆಡಿ ಕೈ ಪಳಗಿದ್ದೆ. ಹಾಗಾದರೆ ಗೆದ್ದದ್ದು ತಂತ್ರವೋ, ಕೈಯೋ? ಭಾವ ಲೆಕ್ಕದ ಮಾಷ್ಟ್ರಾದ ಕಾರಣ ಈ ತಗಾದೆ ಎತ್ತದೆ ಬಿಡಲಿಲ್ಲ. ಸರಿ ಅಂತ ಕೊನೆಗೆ ಇನ್ನೂ ಆರು ಸುತ್ತು ಹಳೆಯ ಬೀಗದ ತಂತ್ರದಲ್ಲೇ ಆಡಿದೆ. ಗೆದ್ದದ್ದು 2. ಕೈ ಎಷ್ಟು ಪಳಗಿದರೂ ಬೀಗದ ಹಣೆಬರಹ ಬದಲಾಗಲಿಲ್ಲ. ಆರು ಸುತ್ತಿನಿಂದ ಏನೂ ಸಾಬೀತಾಗುವುದಿಲ್ಲ ಅಂತ ಅವನು. ಹಾಗಾದರೆ ನೀನು ಕೇಳಿದ್ದು ಯಾಕೆ ಅಂತ ನಾನು.

ಭಾವನ ಕಡೆಯ ಮಾತೂ ಒಂದಿಷ್ಟು ಬೇಕು, ಮಗುವಿನ ಪಾತ್ರ ಸಿಕ್ಕುವವರಿಗೆ. ಅವನಲ್ಲಿ ಎರಡು ಕ್ರಮ ಇತ್ತು. ಒಂದು ಸೀದಾ ನುಗ್ಗುವುದು: ಶುರುವಾದ ಕೂಡಲೇ ಫೋರ್ಕು, ಅಲ್ಲಿಂದ ಮುಚ್ಚಳ ಇಲ್ಲದ ಪ್ಲಗ್ ಪಾಯಿಂಟು. ಇನ್ನೊಂದು ಸುಮ್ನೆ ಅಡಗಿ ಕೂರುವುದು. ಬೀಗದ ಅಪ್ಪನ ಎದುರು ಅಡಗುವುದೇ ಲೇಸು. ಅಪ್ಪ ಬೀಗ ಹಾಕುವ ಸಂಭ್ರಮದಲ್ಲಿ ಮಗುವನ್ನೇ ಮರೆತಿರುತ್ತಾನೆ. ಬೆನ್ನು ಹತ್ತುವ ಅಪ್ಪನಿಗೆ ಬ್ಯಾಟರಿಯ ಗಾಳ. ಆದರೆ ಒಂದೇ ಕಪಾಟಿನ ಅಪ್ಪನ ಎದುರು ಅಡಗಿ ಕೂತರೆ ಕೆಟ್ಟಿತು, ಏಳುವ ಹೊತ್ತಿಗೆ ಮನೆ ಖಾಲಿ. ಅವನ ಎದುರು ಮೊದಲ ನಿಮಿಷದಲ್ಲೇ ನುಗ್ಗಬೇಕು. ಭಾವ ಗೆದ್ದ ಆ ನಾಲ್ಕರಲ್ಲಿ ಮೂರು ಹೀಗೆ ಗೆದ್ದದ್ದು.

ನನ್ನ ಆಯ್ಕೆ ಕೇಳಿದರೆ ಒಂದೇ ಕಪಾಟು, ಅನುಮಾನವೇ ಬೇಡ. ಹೊಸಬರ ಜೊತೆ ಆಡುವುದಾದರೆ ಬೀಗ ಸಾಕು, ಕಷ್ಟ ಪಡಬೇಡಿ. ನಕ್ಕು ನಕ್ಕು ಹೊಟ್ಟೆ ಹುಣ್ಣಾಗಬೇಕು, ಸೋತರೂ ಚಿಂತೆಯಿಲ್ಲ ಅಂದರೆ ಬೆನ್ನು ಹತ್ತಿ. ಮನೆಗೆಲಸದ ತಂತ್ರವನ್ನು ನಾನು ಯಾರಿಗೂ ಹೇಳುವುದಿಲ್ಲ.

ಒಂದೇ ಕಪಾಟಿಗೂ ಒಂದು ಸೋಲು ಉಂಟು. ಆಟದ ಹೊಸ ಆವೃತ್ತಿಯಲ್ಲಿ ಇಬ್ಬರಿಗಿಂತ ಜಾಸ್ತಿ ಜನ ಆಡಬಹುದು. ಕೊನೆಯ ರಜೆಯ ದಿನ ತಂಗಿಯೂ ಸೇರಿಕೊಂಡಳು. ಅಪ್ಪಂದಿರು ಇಬ್ಬರು, ನಾನೂ ಅವಳೂ. ಮಗು ಎಂದಿನಂತೆ ಭಾವ. ಇಬ್ಬರಿದ್ದರೆ ಕೆಲಸ ಅರ್ಧ ಆಗುತ್ತದೆ ಅಂತ ನನ್ನ ಲೆಕ್ಕ. ನಾನು ಕಪಾಟಿಗೆ ತುಂಬುತ್ತಾ ಇದ್ದೆ. ಅವಳಿಗೆ ನನ್ನ ಉಪಾಯ ಹೇಳಿರಲಿಲ್ಲ. ಅದೇ ಕಪಾಟಿನಿಂದ ಅವಳು ಸಾಮಾನು ತೆಗೆದು ‘ಸುರಕ್ಷಿತ ಜಾಗ’ ಅಂತ ಸೋಫಾದ ಹಿಂದೆ ಇಡುತ್ತಾ ಇದ್ದಳು. ಭಾವ ಇದ್ದದ್ದೂ ಸೋಫಾದ ಹಿಂದೆಯೇ. ಸುತ್ತು ಒಂದು ನಿಮಿಷದೊಳಗೆ ಮುಗಿಯಿತು. “ಮಗುವನ್ನು ನೀನು ನೋಡ್ತಾ ಇದ್ದಿ ಅಂತ ಗ್ರಹಿಸಿದೆ” ಅಂದಳು ತಂಗಿ. ನಾನು ಹೇಳಲು ಬಾಯಿ ತೆರೆದದ್ದೂ ಅದನ್ನೇ.

ಹಿಂದೆ ಕೂತಿದ್ದ ಅಜ್ಜಿ ಏನೂ ಹೇಳಲಿಲ್ಲ. ಎದ್ದು ಹೋಗಿ ಅಟ್ಟದ ಏಣಿ ಹಿಡಿದು, ಚೆನ್ನೆಮಣೆ ಇಳಿಸಿ ಕೊಡು ಅಂತ ತಂಗಿಯನ್ನು ಕರೆದರು.