ಇಎಂಐ ಅಷ್ಟೇ ಐತೆ ಅಂತ ಸುಮ್ನಿರಬ್ಯಾಡ್ರಿ, ಬಾಕಿ ಕಂತು ಎಷ್ಟೈತೆ ನೋಡ್ರಿ

ಹೌಸಿಂಗ್ ಲೋನ್ ತಗೊಂಡು ಎರಡ್ಮೂರು ವರ್ಷ ಆಗಿರೋರು ಯಾರಾದ್ರೂ ಇದನ್ನ ಓದ್ತಿದ್ರೆ ಮೊದ್ಲು ನಿಮ್ಮ ಲೋನ್ ಸ್ಟೇಟ್‌ಮೆಂಟ್ ತೆಗೆಸಿ ಬಾಕಿ ಎಷ್ಟು ಕಂತು ಅಂತ ನೋಡ್ಕಳ್ರಿ, ಮಿಕ್ಕಿದ್ದು ಆಮೇಲೆ ಓದಿದ್ರೂ ನಡೀತದೆ. ತಿಂಗಳಾ ಕಟ್ ಆಗೋ ದುಡ್ಡು ಒಂದು ರೂಪಾಯಿನೂ ಬದಲಾಗದೇನೇ ನಿಮ್ಮ ಸಾಲ ಆರೇಳು ವರ್ಷ ಉದ್ದ ಆಗಿರಬಹುದು. ನಮ್ಮ ಅಣ್ಣಂಗೆ ಆಗಿದ್ದು ಅದೇ. ಇನ್ನೊಬ್ರಿಗೆ ಆಗಬಾರದು ಅಂತ ಲೆಕ್ಕ ಸಮೇತ ಬರೀತಿದೀನಿ, ಉದ್ದ ಆದ್ರೂ ಓದ್ರಿ.

2021ರ ನವೆಂಬರ್‌ನಲ್ಲಿ ಅಣ್ಣ ದಾವಣಗೆರೆಯ ಆವರಗೆರೆ ಕಡೆ ಒಂದು ಕಟ್ಟಿದ ಮನೆ ತಗೊಂಡ. ಅವಂದು ಹಾರ್ಡ್‌ವೇರ್ ಅಂಗಡಿ, ಸೀಸನ್ ಇದ್ದಂಗೆ ವ್ಯಾಪಾರ, ರಿಟರ್ನ್ಸ್‌ನಲ್ಲಿ ಕಾಣೋ ಆದಾಯ ಬ್ಯಾಂಕಿನೋರಿಗೆ ಸಾಲ್ದು ಅನ್ನಿಸ್ತು, ಅದಕ್ಕೆ ಒಂದು ಹೌಸಿಂಗ್ ಫೈನಾನ್ಸ್ ಕಂಪನಿಲಿ, ಅಂದ್ರೆ ಬ್ಯಾಂಕ್ ಅಲ್ಲದ ಮನೆ ಸಾಲ ಕೊಡೋ ಕಂಪನಿಲಿ, ಲೋನ್ ಆಯ್ತು. ಹೆಸರು ಹಾಕಲ್ಲ, ಯಾಕಂದ್ರೆ ಇದು ಒಂದೇ ಕಂಪನಿ ಕಥೆ ಅಲ್ಲ. 25 ಲಕ್ಷ, 20 ವರ್ಷ, ಫ್ಲೋಟಿಂಗ್ ರೇಟ್ (ನಡುವೆ ಏರಿಳಿಯೋ ಬಡ್ಡಿ) 8.5 ಪರ್ಸೆಂಟ್, ಇಎಂಐ ಅಂದ್ರೆ ತಿಂಗಳ ಕಂತು 21,696. ನಾನು ಕೋ ಅಪ್ಲಿಕೆಂಟ್, ಅಂದ್ರೆ ಸಾಲಕ್ಕೆ ನಂದೂ ಸಹಿ ಐತೆ. ಅಣ್ಣಂಗೆ ಆಗ 41 ವರ್ಷ, 61ಕ್ಕೆ ಸಾಲ ತೀರ್ತದೆ, ಅಷ್ಟೊತ್ತಿಗೆ ಮಗಳ ಓದು ಮದುವೆ ಎಲ್ಲ ಮುಗಿದಿರ್ತದೆ, ಅಂಗಡಿ ಸ್ವಲ್ಪ ಕಮ್ಮಿ ಮಾಡ್ಕೊಂಡು ಆರಾಮಾಗಿ ಇರಬಹುದು ಅನ್ನೋದು ಅವನ ಲೆಕ್ಕ. ಆ ಲೆಕ್ಕದಲ್ಲಿ ತಪ್ಪೇನೂ ಇರ್ಲಿಲ್ಲ.

ಮೊದಲನೇ ಏಟು ಚೆಕ್ ಬಂದ ದಿನಾನೇ ಬಿತ್ತು. ಸ್ಯಾಂಕ್ಷನ್ ಆಗಿದ್ದು 25, ಕೈಗೆ ಬಂದಿದ್ದು ಅದಕ್ಕಿಂತ ಕಮ್ಮಿ. ಪ್ರೊಸೆಸಿಂಗ್ ಫೀ ಒಂದು ಪರ್ಸೆಂಟ್, ಅದರ ಮೇಲೆ 18 ಪರ್ಸೆಂಟ್ ಜಿಎಸ್‌ಟಿ, ಒಟ್ಟು 29,500. ಅದು ಹೋಗ್ಲಿ ಅಂದ್ರೆ 95,000 ರೂಪಾಯಿ ಇನ್ಶೂರೆನ್ಸ್ ಒಂದೇ ಸಲಕ್ಕೆ ಲೋನ್‌ನಲ್ಲೇ ಹಿಡ್ಕೊಂಡಿದ್ರು. "ಇದು ಕಂಪಲ್ಸರಿ ಸಾರ್, ಇದಿಲ್ದಿದ್ರೆ ಫೈಲ್ ಮುಂದಕ್ಕೆ ಹೋಗಲ್ಲ" ಅಂತ ಲೋನ್ ಮಾಡಿಸಿಕೊಟ್ಟ ಹುಡುಗ ಹೇಳಿದ್ದ. ಸಾಲಕ್ಕೆ ಅವರ ಹತ್ರನೇ ಇನ್ಶೂರೆನ್ಸ್ ತಗೊಳ್ಳಲೇಬೇಕು ಅನ್ನೋ ಕಾನೂನು ಇಲ್ರಿ, ಇದನ್ನ ಬರೆದಿಟ್ಕಳ್ರಿ. ಮನೆ ಮಾಲೀಕರಿಗೆ ರಿಜಿಸ್ಟ್ರೇಷನ್ ದಿನ ದುಡ್ಡು ಪೂರ್ತಿ ಕೊಡಬೇಕು, ಸಬ್ ರಿಜಿಸ್ಟ್ರಾರ್ ಆಫೀಸಿನ ಮುಂದೆ ನಿಂತ್ಕೊಂಡು ಅತ್ತಿಗೆಯ ಅಣ್ಣನ ಕಡೆಯಿಂದ ಕೈಗಡ ತರಿಸಿದ್ವಿ. ಆಮೇಲೆ ಪಾಲಿಸಿ ಕಾಗದ ಬಂದಾಗ ನೋಡಿದ್ರೆ ಸಾಲ 20 ವರ್ಷದ್ದು, ಇನ್ಶೂರೆನ್ಸ್ ಕವರ್ 10 ವರ್ಷದ್ದು. ಆ 95,000ಕ್ಕೂ 20 ವರ್ಷ ಬಡ್ಡಿ ಕಟ್ಟಬೇಕಲ್ಲ, 8.5ರಲ್ಲೇ ಹಿಡಿದ್ರೂ ಅದು ಒಟ್ಟು ಎರಡು ಲಕ್ಷದ ಹತ್ರ ಆಗ್ತದೆ. ಮನೆ ಯಜಮಾನನ ಹೆಸರಲ್ಲಿ ಟರ್ಮ್ ಇನ್ಶೂರೆನ್ಸ್ ಇರಲೇಬೇಕು, ನಾನು ಬೇಡ ಅಂತಿಲ್ಲ, ಆದ್ರೆ ಬೇರೆ ಕಡೆ ವಿಚಾರಿಸಿ ವರ್ಷ ವರ್ಷ ಪ್ರೀಮಿಯಂ ಕಟ್ಟೋದು ತಗೊಳ್ರಿ, ಸಾಲದ ಒಳಗೆ ಸೇರಿಸೋಕೆ ಬಿಡಬ್ಯಾಡ್ರಿ. ಈಗ ಪಾಲಿಸಿ ಕೈಗೆ ಬಂದ 30 ದಿನದೊಳಗೆ ಬೇಡ ಅಂತ ವಾಪಸ್ ಕೊಡೋಕೆ ಅವಕಾಶ ಐತೆ.

ಇನ್ನು ದೊಡ್ಡ ವಿಷಯಕ್ಕೆ ಬರ್ತೀನಿ.

2022ರ ಮೇ ತಿಂಗಳಲ್ಲಿ ರಿಸರ್ವ್ ಬ್ಯಾಂಕ್ ರೆಪೋ ರೇಟ್ (ಬ್ಯಾಂಕುಗಳಿಗೆ ಅದು ಕೊಡೋ ಸಾಲದ ಬಡ್ಡಿ) ಏರಿಸೋಕೆ ಶುರು ಮಾಡ್ತು, 4 ಇದ್ದಿದ್ದು 2023ರ ಫೆಬ್ರವರಿಗೆ 6.5ಕ್ಕೆ ಬಂತು. ಅಣ್ಣನ ಲೋನ್ ಮೊದಲ ವರ್ಷ 8.5ರಲ್ಲೇ ನಡೀತು, ಆಮೇಲೆ ರೀಸೆಟ್, ಅಂದ್ರೆ ಬಡ್ಡಿ ಹೊಸದಾಗಿ ನಿಗದಿ ಮಾಡೋದು, ಅಂತ 9.75 ಮಾಡಿದ್ರು. ಫೋನಿಗೆ ಇಂಗ್ಲಿಷಲ್ಲಿ ಒಂದು ಮೆಸೇಜ್, ರೇಟ್ ರಿವೈಸ್ ಆಗೈತೆ, ನಿಮ್ಮ ಇಎಂಐಲಿ ಬದಲಾವಣೆ ಇಲ್ಲ ಅಂತ. ಓದಿದ ಯಾರಿಗಾದ್ರೂ ಸಮಾಧಾನ ಆಗೋ ಮೆಸೇಜೇ ಅದು. ಬಡ್ಡಿ ಏರಿದ್ರೂ ಕಂತು ಏರಿಲ್ಲ ಅಂದ್ರೆ ಆ ದುಡ್ಡು ಎಲ್ಲಿಂದ ಬರ್ತದೆ ಅನ್ನೋದನ್ನ ಮೆಸೇಜಲ್ಲಿ ಬರೆದಿರಲಿಲ್ಲ.

2025ರಲ್ಲಿ ರೆಪೋ ಇಳೀತು ಅಂತ ಪೇಪರ್‌ನಲ್ಲಿ ಬಂತಲ್ಲ, ಆಗ ನಮ್ಮ ಕಂತೂ ಕಮ್ಮಿ ಆಗ್ತದಾ ಕೇಳೋಣ ಅಂತ ಮೇ ತಿಂಗಳಲ್ಲಿ ಬ್ರಾಂಚಿಗೆ ಹೋದ್ವಿ. ಕೌಂಟರ್‌ನಲ್ಲಿದ್ದ ಹುಡುಗಿ ಸ್ಟೇಟ್‌ಮೆಂಟ್ ಪ್ರಿಂಟ್ ತೆಗೆದು ಕೊಟ್ಟಳು, ನಾಲ್ಕು ಹಾಳೆ. ಒಂದೊಂದು ಸಾಲಲ್ಲಿ ತಾರೀಖು, ಕಂತು, ಬಡ್ಡಿಗೆ ಹೋಗಿದ್ದು, ಅಸಲಿಗೆ ಹೋಗಿದ್ದು, ಬಾಕಿ. ಮೊದಲನೇ ತಿಂಗಳ ಸಾಲು ನೋಡಿದ್ರೆ 21,696ರಲ್ಲಿ ಬಡ್ಡಿಗೆ 17,708, ಅಸಲಿಗೆ 3,988. ರೇಟ್ ಏರಿದ ತಿಂಗಳ ಸಾಲು ನೋಡಿದ್ರೆ ಅದೇ 21,696ರಲ್ಲಿ ಬಡ್ಡಿಗೆ ಹತ್ರ ಹತ್ರ 19,900, ಅಸಲಿಗೆ 1,800ನೂ ಇಲ್ಲ. ಕೆಳಗೆ ಕೊನೇ ಹಾಳೇಲಿ ಬಾಕಿ ಕಂತು 278 ಅಂತ ಇತ್ತು. ಅಣ್ಣ ಅಲ್ಲೇ ಬೆರಳಿಟ್ಟು "ಇದು 198 ಇರಬೇಕಲ್ಲಮ್ಮ, ನಾನು 42 ಕಟ್ಟೀನಿ" ಅಂದ. ಅವಳು ಕಂಪ್ಯೂಟರ್ ನೋಡಿ "ಇಲ್ಲ ಸಾರ್, ಟೆನ್ಯೂರ್ ಎಕ್ಸ್‌ಟೆಂಡ್ ಆಗೈತಲ್ಲ" ಅಂದಳು, ಅಂದ್ರೆ ಸಾಲದ ಅವಧಿ ಉದ್ದ ಆಗೈತೆ ಅಂತ. ಅವಳದ್ದೇನೂ ತಪ್ಪಿಲ್ಲ ಪಾಪ, ಕಂಪ್ಯೂಟರ್‌ನಲ್ಲಿ ಇದ್ದಿದ್ದು ಹೇಳಿದ್ಲು.

80 ಕಂತು ಜಾಸ್ತಿ ರೀ. ಆರು ವರ್ಷ ಎಂಟು ತಿಂಗಳು. 61ಕ್ಕೆ ತೀರಬೇಕಾದ ಸಾಲ 67 ದಾಟಿದ ಮೇಲೆ ತೀರೋದು. ಅಲ್ಲೀವರೆಗೆ ಕಟ್ಟಿದ್ದು 9 ಲಕ್ಷ 11 ಸಾವಿರ, ಅಸಲು ಇಳಿದಿದ್ದು ಒಂದು ಲಕ್ಷ ಹತ್ತು ಸಾವಿರದಷ್ಟು. 25 ಲಕ್ಷದ ಸಾಲ ಮೂರೂವರೆ ವರ್ಷ ಒಂದು ಕಂತೂ ತಪ್ಪಿಸದೆ ಕಟ್ಟಿದ ಮೇಲೆ ಇನ್ನೂ 23 ಲಕ್ಷ 90 ಸಾವಿರ ಬಾಕಿ. ಅಂಗಡಿಲಿ ವ್ಯಾಪಾರ ಇಲ್ಲದ ತಿಂಗಳೂ ಐದನೇ ತಾರೀಖಿಗೆ ಅಕೌಂಟಲ್ಲಿ ದುಡ್ಡು ಇಟ್ಟಿರ್ತಿದ್ದ ನಮ್ಮಣ್ಣ.

ಇದರಲ್ಲಿ ಹೊಟ್ಟೆ ಉರಿಯೋದು ಯಾವುದು ಗೊತ್ತಾ. ರೇಟ್ 9.75 ಆದಾಗ ಸಾಲದ ಅವಧಿ ಹಂಗೇ ಇಟ್ಟು ಕಂತು ಏರಿಸಿದ್ರೆ ಎಷ್ಟಾಗ್ತಿತ್ತು ಅಂತ ಮನೇಲಿ ಕೂತು ಲೆಕ್ಕ ಹಾಕಿದೆ. 23,640 ಚಿಲ್ಲರೆ. ಅಂದ್ರೆ ತಿಂಗಳಿಗೆ ಸುಮಾರು 1,950 ಜಾಸ್ತಿ, ಅಷ್ಟೇ. ಉಳಿದ 228 ಕಂತಿಗೆ ಅದು ನಾಲ್ಕೂವರೆ ಲಕ್ಷದ ಒಳಗೆ. ಅವರು ಮಾಡಿದ್ದು 80 ಕಂತು ಜಾಸ್ತಿ, 80ನ್ನ 21,696ರಿಂದ ಗುಣಿಸಿದ್ರೆ 17 ಲಕ್ಷ 35 ಸಾವಿರ. ಎರಡರ ನಡುವೆ ಹೆಚ್ಚು ಕಮ್ಮಿ 13 ಲಕ್ಷದ ವ್ಯತ್ಯಾಸ. ಈ ಎರಡು ಲೆಕ್ಕ ಮುಂದಿಟ್ಟು "ನಿಮಗೆ ಯಾವುದು ಬೇಕ್ರಿ" ಅಂತ ಒಂದು ಮಾತು ಕೇಳಿದ್ರೆ ನಮ್ಮಣ್ಣ 1,950 ಜಾಸ್ತಿ ಕಟ್ತೀನಿ ಅಂತಾನೇ ಅಂತಿದ್ದ. ಕೇಳಲಿಲ್ಲ. ಕಂತು ಏರಿಸಿದ್ರೆ ಗಿರಾಕಿ ಬಂದು ಜಗಳ ಆಡ್ತಾನೆ, ಬೇರೆ ಕಡೆ ಹೋಗ್ತಾನೆ, ಅವಧಿ ಏರಿಸಿದ್ರೆ ಯಾರಿಗೂ ಗೊತ್ತಾಗಲ್ಲ, ಬಡ್ಡಿನೂ ಜಾಸ್ತಿ ಸಿಗ್ತದೆ, ನನಗೆ ಕಂಡಂಗೆ ವಿಷಯ ಇಷ್ಟೇ.

ಇನ್ನೊಂದು ಮುಕ್ಕಾಲು ಪರ್ಸೆಂಟ್ ಒಂದು ಪರ್ಸೆಂಟ್ ಏರಿದ್ರೆ ಏನಾಗ್ತಿತ್ತು ಅಂತನೂ ನೋಡಿದೆ. 10.5 ಆಗಿದ್ರೆ ಅದೇ ಕಂತಿಗೆ ಸಾಲ ತೀರೋಕೆ 42 ವರ್ಷ. 10.75 ಆಗಿದ್ರೆ ತಿಂಗಳ ಬಡ್ಡಿನೇ 21,900 ದಾಟ್ತದೆ, ಕಟ್ಟೋ ಕಂತು 21,696, ಅಂದ್ರೆ ತಿಂಗಳಾ ತಿಂಗಳಾ ಕಟ್ತಾ ಇದ್ರೂ ಸಾಲ ಬೆಳೀತಾನೇ ಹೋಗ್ತದೆ. ತೂತು ಬಿದ್ದ ಕೊಡಕ್ಕೆ ನೀರು ಹೊತ್ತಂಗೆ.

ಈಗ ರೂಲ್ಸ್ ಏನೈತೆ ಅನ್ನೋದು ಎಲ್ರಿಗೂ ಗೊತ್ತಿರಲಿ. 2023ರ ಆಗಸ್ಟ್ 18ಕ್ಕೆ ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸೈತೆ, ಬ್ಯಾಂಕಿಗೂ ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೂ ಅನ್ವಯ ಆಗ್ತದೆ. ಫ್ಲೋಟಿಂಗ್ ರೇಟ್ ರೀಸೆಟ್ ಮಾಡುವಾಗ ಕಂತು ಏರಿಸೋದಾ, ಅವಧಿ ಏರಿಸೋದಾ, ಎರಡೂ ಸ್ವಲ್ಪ ಸ್ವಲ್ಪನಾ ಅಂತ ಸಾಲಗಾರನಿಗೆ ಆಯ್ಕೆ ಕೊಡಬೇಕು, ನಡುವೆ ಪೂರ್ತಿನೋ ಭಾಗಶಃನೋ ಕಟ್ಟೋಕೂ ಬಿಡಬೇಕು. ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಸಿಗೋ ಹಂಗೆ ಮಾಡಬೇಕು, ಅದರಲ್ಲಿ ಇಲ್ಲೀವರೆಗೆ ಬಡ್ಡಿ ಎಷ್ಟು ಅಸಲು ಎಷ್ಟು ವಸೂಲಿ ಆಯ್ತು, ಬಾಕಿ ಕಂತು ಎಷ್ಟು ಅಂತ ಇರಬೇಕು. ಹಳೇ ಸಾಲಗಾರರಿಗೂ 2023ರ ಡಿಸೆಂಬರ್ 31ರೊಳಗೆ ಇದನ್ನ ತಿಳಿಸಬೇಕಿತ್ತು. ನಮಗೆ ಅಂಥ ಕಾಗದ ಯಾವುದೂ ಬರಲಿಲ್ಲ. ನಿಮಗೂ ಬಂದಿಲ್ಲ ಅಂದ್ರೆ ಬರಹದಲ್ಲಿ ಕೇಳ್ರಿ, ಬಾಯಲ್ಲಿ ಕೇಳಿದ್ದಕ್ಕೆ ಬೆಲೆ ಇಲ್ಲ, ಇಮೇಲ್ ಹಾಕ್ರಿ. ಹೌಸಿಂಗ್ ಫೈನಾನ್ಸ್ ಕಂಪನಿ ಉತ್ತರ ಕೊಡ್ಲಿಲ್ಲ ಅಂದ್ರೆ ಈ ಕಂಪನಿಗಳ ಮೇಲೆ ನಿಗಾ ಇಡೋ ನ್ಯಾಷನಲ್ ಹೌಸಿಂಗ್ ಬ್ಯಾಂಕಿಗೆ ಆನ್‌ಲೈನ್ ದೂರು ಕೊಡಬಹುದು.

ಹೊಸದಾಗಿ ತಗೊಳ್ಳೋರಿಗೆ ಇನ್ನೊಂದು ಅನುಕೂಲ ಐತೆ. 2024ರ ಅಕ್ಟೋಬರ್ 1ರಿಂದ ಸಾಲಕ್ಕೆ ಸಹಿ ಹಾಕೋಕೆ ಮುಂಚೆ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಅಂತ ಕೊಡಲೇಬೇಕು. ಅದರಲ್ಲಿ ಎಪಿಆರ್ ಅಂತ ಒಂದು ಪರ್ಸೆಂಟ್ ಇರ್ತದೆ, ಪ್ರೊಸೆಸಿಂಗ್ ಫೀ, ಇನ್ಶೂರೆನ್ಸ್ ಇಂಥವೆಲ್ಲ ಸೇರಿಸಿ ನಿಮಗೆ ನಿಜವಾಗ್ಲೂ ಬೀಳೋ ರೇಟ್ ಅದು. ಬೋರ್ಡ್ ಮೇಲೆ ಬರೆದಿರೋ ರೇಟ್ ಬಿಟ್ಟು ಅದನ್ನ ನೋಡ್ರಿ. ಅದರಲ್ಲಿ ಬರೆಯದ ಚಾರ್ಜನ್ನ ನಿಮ್ಮ ಒಪ್ಪಿಗೆ ಇಲ್ದೆ ಆಮೇಲೆ ಹಾಕೋ ಹಂಗಿಲ್ಲ. ಮನೆಗೆ ತಂದು ಓದ್ರಿ, ಸಹಿಗೆ ಅವಸರ ಮಾಡಿದ್ರೆ ಎದ್ದು ಬರ್ರಿ.

ಶಾಮನೂರು ರೋಡ್, ಹದಡಿ ರೋಡ್ ಕಡೆ ಲೇಔಟ್‌ನೋರು ಈಗ 30 ವರ್ಷದ ಲೋನ್ ಮಾಡಿಸ್ಕೊಡ್ತೀವಿ, ಕಂತು ಕಮ್ಮಿ ಬೀಳ್ತದೆ ಅಂತಾರೆ. ಅದೇ 25 ಲಕ್ಷ, ಅದೇ 8.5 ಹಿಡ್ಕಳ್ರಿ. 15 ವರ್ಷಕ್ಕೆ ಕಂತು 24,600, ಒಟ್ಟು ಬಡ್ಡಿ 19 ಲಕ್ಷ 30 ಸಾವಿರ. 20 ವರ್ಷಕ್ಕೆ ಬಡ್ಡಿ 27 ಲಕ್ಷ. 30 ವರ್ಷಕ್ಕೆ ಕಂತು 19,200, ಬಡ್ಡಿ 44 ಲಕ್ಷ 20 ಸಾವಿರ. 20ರಿಂದ 30ಕ್ಕೆ ಹೋದ್ರೆ ತಿಂಗಳಿಗೆ ಉಳಿಯೋದು ಎರಡೂವರೆ ಸಾವಿರ, ಹೋಗೋದು 17 ಲಕ್ಷ. 20 ವರ್ಷದ ಸಾಲದಲ್ಲೂ ಅರ್ಧ ಅಸಲು ತೀರೋದು ಹೆಚ್ಚು ಕಮ್ಮಿ ಹದಿನಾಲ್ಕನೇ ವರ್ಷಕ್ಕೆ, ಅದಕ್ಕೇ ಮೊದಲ ವರ್ಷಗಳಲ್ಲಿ ಕಟ್ಟೋ ಒಂದೊಂದು ಸಾವಿರಕ್ಕೂ ಬೆಲೆ ಜಾಸ್ತಿ. ವರ್ಷಕ್ಕೆ ಒಂದು ಕಂತು ಹೆಚ್ಚಿಗೆ ಕಟ್ಟಿದ್ರೆ ಸಾಕು, 20 ವರ್ಷದ್ದು ಹದಿನಾರೂವರೆ ವರ್ಷಕ್ಕೆ ಬರ್ತದೆ. ಫ್ಲೋಟಿಂಗ್ ರೇಟ್ ಮನೆ ಸಾಲಕ್ಕೆ ಮುಂಚಿತವಾಗಿ ಕಟ್ಟಿದ್ರೆ ದಂಡ ಇಲ್ಲ, ಯಾರಾದ್ರೂ ಐತೆ ಅಂದ್ರೆ ನಂಬಬ್ಯಾಡ್ರಿ. ಕಟ್ಟುವಾಗ ಮಾತ್ರ "ಅವಧಿ ಕಮ್ಮಿ ಮಾಡ್ರಿ, ಕಂತು ಹಂಗೇ ಇರ್ಲಿ" ಅಂತ ಬರೆದು ಕೊಡ್ರಿ.

ಟ್ಯಾಕ್ಸ್ ಉಳೀತದೆ ಅಂತ ಸಾಲ ಉದ್ದ ಇಟ್ಕಳ್ರಿ ಅನ್ನೋರೂ ಅದಾರೆ. ನಾವೇ ವಾಸ ಇರೋ ಮನೆಗೆ ಬಡ್ಡಿ ಮೇಲೆ ವರ್ಷಕ್ಕೆ 2 ಲಕ್ಷದ ರಿಯಾಯಿತಿ ಸಿಗೋದು ಇನ್‌ಕಮ್ ಟ್ಯಾಕ್ಸಿನ ಹಳೇ ಪದ್ಧತೀಲಿ ಮಾತ್ರ, ಹೊಸ ಪದ್ಧತಿಗೆ ಹೋದೋರಿಗೆ ಅದಿಲ್ಲ.

ಬ್ಯಾಂಕೇ ಬೇರೆ, ಹೌಸಿಂಗ್ ಫೈನಾನ್ಸೇ ಬೇರೆ ಅನ್ನೋದೂ ತಲೇಲಿರ್ಲಿ. 2019ರ ಅಕ್ಟೋಬರ್‌ನಿಂದ ಬ್ಯಾಂಕ್‌ಗಳು ಹೊಸ ಫ್ಲೋಟಿಂಗ್ ಮನೆ ಸಾಲನ ರೆಪೋದಂಥ ಹೊರಗಿನ ರೇಟಿಗೆ ಕಟ್ಟಬೇಕು, ಮೂರು ತಿಂಗಳಿಗೊಮ್ಮೆಯಾದ್ರೂ ರೀಸೆಟ್ ಮಾಡಬೇಕು. ಕಂಪನಿಗಳಿಗೆ ಆ ಕಟ್ಟುಪಾಡಿಲ್ಲ, ಅವರದ್ದೇ ಸ್ವಂತ ರೇಟ್. 2025ರ ಫೆಬ್ರವರಿಯಿಂದ ಜೂನ್‌ವರೆಗೆ ರೆಪೋ 6.5ರಿಂದ 5.5ಕ್ಕೆ ಇಳೀತು, ಅಣ್ಣಂದು 9.75 ಇದ್ದಲ್ಲೇ ಇತ್ತು.

ಆಮೇಲೆ ಅಣ್ಣನ ಮೂರು ವರ್ಷದ ರಿಟರ್ನ್ಸ್ ಸರಿಯಾಗಿ ರೆಡಿ ಮಾಡಿಸಿ ಒಂದು ಸರ್ಕಾರಿ ಬ್ಯಾಂಕಿಗೆ ಬ್ಯಾಲೆನ್ಸ್ ಟ್ರಾನ್ಸ್‌ಫರ್ ಅರ್ಜಿ ಹಾಕಿದ್ವಿ, ಅಂದ್ರೆ ಬಾಕಿ ಸಾಲನ ಆ ಬ್ಯಾಂಕಿಗೆ ವರ್ಗ ಮಾಡಿಸೋಕೆ. ಅಲ್ಲಿ 8.25 ಹೇಳಿದ್ರು. ಆ ರೇಟಲ್ಲಿ ಮೊದಲಿನ 61ನೇ ವಯಸ್ಸಿಗೇ ಸಾಲ ಮುಗಿಸಬೇಕಂದ್ರೆ ಕಂತು 22,130, ಈಗ ಕಟ್ಟೋದಕ್ಕಿಂತ ಬರೀ 430 ಜಾಸ್ತಿ. ವಕೀಲರ ಲೀಗಲ್ ಒಪಿನಿಯನ್, ವ್ಯಾಲ್ಯುಯೇಷನ್, ಪತ್ರ ಅಡ ಇಡೋ ಖರ್ಚು ಮತ್ತೆ ಬೀಳ್ತದೆ, ಅದನ್ನ ಮೊದ್ಲೇ ಕೇಳಿ ಕೂಡಿ ನೋಡಿದ್ವಿ, ಆದ್ರೂ ಲಾಭಾನೇ. ಹಳೇ ಕಂಪನಿಗೆ ಫೋರ್‌ಕ್ಲೋಷರ್ ಲೆಟರ್ (ಸಾಲ ಪೂರ್ತಿ ತೀರಿಸೋಕೆ ಎಷ್ಟು ಕಟ್ಟಬೇಕು ಅನ್ನೋ ಕಾಗದ) ಕೊಡ್ರಿ ಅಂತ ಬರೆದು ಕೊಟ್ಟ ಮೇಲೆ ಅವರೇ ಫೋನ್ ಮಾಡಿ ರೇಟ್ 9 ಮಾಡಿಕೊಡ್ತೀವಿ, ಕನ್ವರ್ಷನ್ ಫೀ (ರೇಟ್ ಬದಲಾಯಿಸೋ ಫೀ) ಕಟ್ರಿ ಸಾಕು ಅಂದ್ರು. ಅಣ್ಣ ಒಂದೇ ಮಾತು ಕೇಳಿದ, "ಬಾಕಿ ಕಂತು ಎಷ್ಟು ಬರ್ತದೆ ಹೇಳ್ರಿ." ಚೆಕ್ ಮಾಡಿ ಹೇಳ್ತೀವಿ ಸಾರ್ ಅಂದೋರು ತಿರುಗಿ ಫೋನ್ ಮಾಡಲಿಲ್ಲ, ನಾವು ಟ್ರಾನ್ಸ್‌ಫರ್ ಮಾಡಿಸಿಕೊಂಡ್ವಿ. ನಿಮ್ಮ ಸಾಲ ಪೂರ್ತಿ ತೀರಿಸಿದ್ರೆ ಮನೆ ಒರಿಜಿನಲ್ ಪತ್ರ 30 ದಿನದೊಳಗೆ ವಾಪಸ್ ಕೊಡಬೇಕು, ಅವರ ಕಡೆಯಿಂದ ತಡ ಆದ್ರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು ಅಂತ 2023ರ ಡಿಸೆಂಬರ್‌ನಿಂದ ರೂಲ್ ಐತೆ, ಇದನ್ನೂ ಗೊತ್ತಿಟ್ಕಳ್ರಿ. ಲೆಕ್ಕ ಹಾಕೋಕೆ ಬರಲ್ಲ ಅನ್ನೋರು ಅಸಲು ಬಾಕಿ, ರೇಟ್, ಕಂತು ಈ ಮೂರು ಕಾಮೆಂಟಲ್ಲಿ ಹಾಕ್ರಿ, ಬಾಕಿ ಎಷ್ಟು ತಿಂಗಳು ಅಂತ ನಾನು ಹಾಕಿ ಕೊಡ್ತೀನಿ. ಅಕೌಂಟ್ ನಂಬರ್ ಮಾತ್ರ ಯಾರೂ ಹಾಕಬ್ಯಾಡ್ರಿ.