ಬ್ರಿಟಿಷ್ ನ್ಯೂಸ್‌ಪೇಪರ್ ಆರ್ಕೈವ್: ಹಳೆಯ ರಗ್ಬಿ ವಿಂಗರ್ ಒಬ್ಬರ ಜಾಡು ಹಿಡಿಯಲು ಚಂದಾ ಕಟ್ಟಬಹುದೇ?

ಮೈದಾನದ ಅಂಚಿನಲ್ಲಿ ಓಡುವ ಆಟಗಾರ, ಅಂದರೆ ವಿಂಗರ್ ಆಗಿದ್ದ ಇಂಗ್ಲೆಂಡಿನ ಜಿಮ್ ಲೇಥಮ್ ಅವರ ಆಟದ ಬದುಕು ಅಂಕಿಅಂಶದ ತಾಣಗಳಲ್ಲಿ ಒಂದು ಸಾಲಿಗೆ ಮುಗಿಯುತ್ತದೆ: ವಿಗನ್ ಕ್ಲಬ್, 1903ರಿಂದ 1912, 258 ಟ್ರೈ (ಚೆಂಡನ್ನು ಎದುರಾಳಿಯ ಗೆರೆಯಾಚೆ ನೆಲಕ್ಕೆ ಮುಟ್ಟಿಸುವುದು), 267 ಗೋಲ್ (ಚೆಂಡನ್ನು ಕಂಬಗಳ ನಡುವೆ ಒದೆಯುವುದು). ಅವರು ಹೇಗೆ ಓಡುತ್ತಿದ್ದರು, ಚೆಂಡು ಅವರ ಕೈಗೆ ಯಾರಿಂದ ಬರುತ್ತಿತ್ತು, ಯಾವ ಪಂದ್ಯದಲ್ಲಿ ಕಾಲು ಕೈಕೊಟ್ಟಿತು ಎಂಬುದೆಲ್ಲ ಆ ಕಾಲದ ಪತ್ರಿಕೆಗಳಲ್ಲೇ ಉಳಿದಿದೆ. ಚಲನಚಿತ್ರ ಇನ್ನೂ ಕಣ್ಣು ಬಿಡುತ್ತಿದ್ದ ಕಾಲದ ಆಟಗಾರನಿಗೆ ಪಂದ್ಯದ ವರದಿಯೇ ಮುಖ್ಯ ಸಾಕ್ಷಿ. ಆ ವರದಿಗಳನ್ನು ಮನೆಯಲ್ಲೇ ಕೂತು ಓದಲು ಹಳೆಯ ಪತ್ರಿಕೆಗಳ ಆನ್‌ಲೈನ್ ಸಂಗ್ರಹವಾದ ಬ್ರಿಟಿಷ್ ನ್ಯೂಸ್‌ಪೇಪರ್ ಆರ್ಕೈವ್ ಒಳ್ಳೆಯ ಸೇವೆ. ಆದರೆ ಸಿದ್ಧತೆಯಿಲ್ಲದೆ ದುಡ್ಡು ಕಟ್ಟಿದರೆ ಅರ್ಧ ಅವಧಿ ಹುಡುಕಾಟದಲ್ಲೇ ಕಳೆದುಹೋಗುತ್ತದೆ.

2011ರ ನವೆಂಬರ್‌ನಲ್ಲಿ ಶುರುವಾದ ಈ ತಾಣವನ್ನು ಬ್ರಿಟಿಷ್ ಲೈಬ್ರರಿಯ ಜೊತೆಗೂಡಿ ವಂಶಾವಳಿ ಹುಡುಕುವ ಸಂಸ್ಥೆ ಫೈಂಡ್‌ಮೈಪಾಸ್ಟ್ ನಡೆಸುತ್ತದೆ. ಹುಡುಕುವುದಕ್ಕೆ ಹಣವಿಲ್ಲ; ಹೆಚ್ಚಿನ ಪುಟಗಳನ್ನು ತೆರೆದು ಓದುವುದಕ್ಕೆ ಚಂದಾ ಬೇಕು. ಶುಲ್ಕ ಪೌಂಡ್‌ನಲ್ಲಿರುವುದರಿಂದ ಭಾರತದ ಕಾರ್ಡ್ ಬಳಸುವವರು ಮೊದಲು ಬ್ಯಾಂಕ್ ಆ್ಯಪ್‌ನಲ್ಲಿ ಅಂತರರಾಷ್ಟ್ರೀಯ ಆನ್‌ಲೈನ್ ಪಾವತಿಯನ್ನು ಆನ್ ಮಾಡಿಕೊಳ್ಳಬೇಕು. ಹೊಸ ಕಾರ್ಡ್‌ಗಳಲ್ಲಿ ಅದು ಆಫ್ ಆಗಿಯೇ ಬರುತ್ತದೆ. ಚಂದಾ ತಾನಾಗಿ ನವೀಕರಣಗೊಳ್ಳದಂತೆ ಖಾತೆಯ ಪುಟದಲ್ಲಿ ಮೊದಲ ದಿನವೇ ನೋಡಿಕೊಳ್ಳಿ.

ಹುಡುಕಾಟದಲ್ಲಿ ಎಲ್ಲರೂ ಎಡವುವುದು ಆಟದ ಹೆಸರಿನಲ್ಲಿ. 1895ರ ಆಗಸ್ಟ್ 29ರಂದು ಹಡರ್ಸ್‌ಫೀಲ್ಡ್‌ನ ಜಾರ್ಜ್ ಹೋಟೆಲ್‌ನಲ್ಲಿ ಇಂಗ್ಲೆಂಡಿನ ಉತ್ತರದ ಕ್ಲಬ್‌ಗಳು ರಗ್ಬಿ ಯೂನಿಯನ್ ಸಂಸ್ಥೆಯಿಂದ ಬೇರೆಯಾದಾಗ ಹುಟ್ಟಿದ ಸಂಸ್ಥೆಯ ಹೆಸರು ನಾರ್ದರ್ನ್ ಯೂನಿಯನ್. ಕೆಲಸ ಬಿಟ್ಟು ಆಡಲು ಬಂದ ಗಣಿ, ಗಿರಣಿ ಕಾರ್ಮಿಕರಿಗೆ ದಿನಕ್ಕೆ 6 ಶಿಲ್ಲಿಂಗ್ ಕೊಡಬಹುದು ಎಂಬುದೇ ಒಡಕಿನ ಮೂಲ. 1898ರಲ್ಲಿ ವೃತ್ತಿಪರತೆಗೆ ಒಪ್ಪಿಗೆ ಸಿಕ್ಕಿತು. ರಗ್ಬಿ ಲೀಗ್ ಎಂಬ ಹೆಸರನ್ನು ಸಂಸ್ಥೆ ಇಟ್ಟುಕೊಂಡದ್ದು 1922ರಲ್ಲಿ. ಹಾಗಾಗಿ ಲೇಥಮ್ ಕಾಲದ ಇಂಗ್ಲಿಷ್ ಪತ್ರಿಕೆಗಳಲ್ಲಿ ‘ರಗ್ಬಿ ಲೀಗ್’ ಎಂದು ಹುಡುಕಿದರೆ ಬೇಕಾದದ್ದು ಸಿಗುವುದಿಲ್ಲ. ‘ನಾರ್ದರ್ನ್ ಯೂನಿಯನ್’ ಎಂದು ಉದ್ಧರಣ ಚಿಹ್ನೆಯೊಳಗೆ ಕೊಡಿ, ಅವಧಿಯನ್ನು ಆಟದ ಋತುವಿಗೆ, ಅಂದರೆ ಸೆಪ್ಟೆಂಬರ್‌ನಿಂದ ಮೇವರೆಗೆ ಸೀಮಿತಗೊಳಿಸಿ, ಆಮೇಲೆ ಪತ್ರಿಕೆಯ ಹೆಸರಿನ ಫಿಲ್ಟರ್ ಹಾಕಿ.

ಎರಡನೆಯ ತೊಡಕು ಅಕ್ಷರ ಗುರುತಿಸುವ ತಂತ್ರಾಂಶದ್ದು. ಮಸಿ ಹರಡಿದ, ಮಡಿಕೆ ಬಿದ್ದ ಪುಟದಲ್ಲಿ ‘ಎಂ’ ಅಕ್ಷರ ‘ಆರ್’ ಮತ್ತು ‘ಎನ್’ ಆಗಿ ಒಡೆಯುತ್ತದೆ, ಪಕ್ಕದ ಅಂಕಣದ ಸಾಲು ಇದರೊಳಗೆ ನುಗ್ಗುತ್ತದೆ. ಒಂದೇ ಉಪನಾಮವನ್ನು ನಂಬಿದರೆ ಎಷ್ಟೋ ಪಂದ್ಯಗಳು ಕೈತಪ್ಪುತ್ತವೆ. ಇದಕ್ಕೆ ಮದ್ದು ಜೊತೆ ಆಟಗಾರರು. ವಿಗನ್‌ನ ಪ್ರಸಿದ್ಧ ಮುಕ್ಕಾಲು ಸಾಲು (ಥ್ರೀ-ಕ್ವಾರ್ಟರ್, ಅಂದರೆ ಇಬ್ಬರು ವಿಂಗರ್, ಇಬ್ಬರು ಸೆಂಟರ್‌ಗಳ ಸಾಲು) ಲೇಥಮ್, ಜೆಂಕಿನ್ಸ್, ಟಾಡ್, ಮಿಲ್ಲರ್. ಟಾಡ್ ಮತ್ತು ಜೆಂಕಿನ್ಸ್ ಎರಡನ್ನೇ ಕೊಟ್ಟು ವಿಗನ್ ಸೇರಿಸಿದರೂ ಬೇಕಾದ ವರದಿ ಮೇಲೆ ಬರುತ್ತದೆ.

ತಂಡದ ಪಟ್ಟಿಯನ್ನು ಓದುವುದಕ್ಕೂ ಒಂದು ಕ್ರಮವಿದೆ. ಮೊದಲು ಫುಲ್‌ಬ್ಯಾಕ್, ನಂತರ ನಾಲ್ವರು ಮುಕ್ಕಾಲು ಸಾಲಿನವರು, ಆಮೇಲೆ ಇಬ್ಬರು ಹಾಫ್‌ಬ್ಯಾಕ್, ಕೊನೆಗೆ ಫಾರ್ವರ್ಡ್‌ಗಳು. ಆ ನಾಲ್ವರಲ್ಲಿ ಮೊದಲನೆಯವರು, ಕೊನೆಯವರು ಸಾಮಾನ್ಯವಾಗಿ ವಿಂಗರ್‌ಗಳು. ನಡುವಿನ ಇಬ್ಬರು ಸೆಂಟರ್‌ಗಳು. 1906ರವರೆಗೆ ಒಟ್ಟು 15 ಹೆಸರು, ಆ ವರ್ಷದಿಂದ 13. ಫಾರ್ವರ್ಡ್‌ಗಳು ಕಡಿಮೆಯಾಗಿ ಮೈದಾನದ ಅಂಚಿನಲ್ಲಿ ಜಾಗ ತೆರೆದುಕೊಂಡದ್ದು ವಿಂಗರ್‌ಗಳಿಗೆ ವರವಾಯಿತು. ಪಂದ್ಯದ ಮುಂಚೆ ಅಚ್ಚಾದ ಪಟ್ಟಿಯನ್ನು ಮಾತ್ರ ಎಣಿಕೆಗೆ ಹಿಡಿಯಬೇಡಿ, ಅದು ಆಯ್ಕೆಯ ಪಟ್ಟಿ. ಶನಿವಾರ ಸಂಜೆಯ ವಿಶೇಷ ಸಂಚಿಕೆಗಳು ಆತುರದಲ್ಲಿ ಅಚ್ಚಾದವು. ದ್ವಿತೀಯಾರ್ಧ ಎರಡೇ ಸಾಲಿಗೆ ಮುಗಿದಿರಬಹುದು. ಆಡಿದವರು ಯಾರು, ಟ್ರೈ ಯಾರದು ಎಂಬುದಕ್ಕೆ ಸೋಮವಾರದ ಪತ್ರಿಕೆಯೇ ಆಧಾರ. ಮ್ಯಾಂಚೆಸ್ಟರ್‌ನ ಅಥ್ಲೆಟಿಕ್ ನ್ಯೂಸ್ ಸೋಮವಾರ ಹೊರಡುತ್ತಿದ್ದ ಕ್ರೀಡಾ ವಾರಪತ್ರಿಕೆ. ಅದನ್ನು ಊರಿನ ಒಂದು ಪತ್ರಿಕೆಯ ಜೊತೆ ಇಟ್ಟು ನೋಡಿ. ಎರಡರಲ್ಲಿ ವ್ಯತ್ಯಾಸ ಬಂದರೆ ಎದುರಾಳಿ ಊರಿನ ಪತ್ರಿಕೆ ತೆರೆಯಿರಿ. ಒಟ್ಟು ಅಂಕ ಹಾಕುವಾಗ ಟ್ರೈಗೆ 3, ಗೋಲ್‌ಗೆ 2. ಇಂದಿನ 4 ಅಂಕದ ಟ್ರೈ 1983ರದ್ದು. ಆ ಲೆಕ್ಕದಲ್ಲಿ ಲೇಥಮ್ ಅವರ ವಿಗನ್ ಅಂಕ 774 ಮತ್ತು 534, ಒಟ್ಟು 1,308.

ಈ ಸೇವೆ ಸೋಲುವುದು 1910ರ ಪ್ರವಾಸದ ವಿಷಯದಲ್ಲಿ. ಆ ವರ್ಷ ಸಾಲ್ಫರ್ಡ್‌ನ ಜೇಮ್ಸ್ ಲೋಮಾಸ್ ನಾಯಕತ್ವದಲ್ಲಿ ನಾರ್ದರ್ನ್ ಯೂನಿಯನ್ ತಂಡ ಮೊದಲ ಬಾರಿಗೆ ಆಸ್ಟ್ರೇಲಿಯಾ, ನ್ಯೂಜಿಲೆಂಡ್‌ಗೆ ಹೋಯಿತು. ಜುಲೈ 2ರಂದು ಬ್ರಿಸ್ಬೇನ್‌ನ ಎರಡನೇ ಟೆಸ್ಟ್‌ನಲ್ಲಿ ಲೇಥಮ್ ನಾಲ್ಕು ಟ್ರೈ ಹೊಡೆದರು. ತಂಡ 22–17ರಿಂದ ಗೆದ್ದಿತು. ಅವರ ಬದುಕಿನ ಅತಿ ದೊಡ್ಡ ಮಧ್ಯಾಹ್ನ ಅದು. ಅಂಥ ದೂರದ ಪಂದ್ಯಕ್ಕೆ ಅಲ್ಲಿಯದೇ ಪತ್ರಿಕೆ ಬೇಕು. ಆಸ್ಟ್ರೇಲಿಯಾದ ರಾಷ್ಟ್ರೀಯ ಗ್ರಂಥಾಲಯದ ಟ್ರೋವ್ ತಾಣದಲ್ಲಿ ಅದು ಸಿಗುತ್ತದೆ, ಪೂರ್ತಿ ಉಚಿತವಾಗಿ. ಬ್ರಿಸ್ಬೇನ್ ಕೊರಿಯರ್‌ನ ಜುಲೈ 4, ಸೋಮವಾರದ ಸಂಚಿಕೆಯಿಂದ ಶುರು ಮಾಡಿ, ಸಿಡ್ನಿಯ ರೆಫರೀ ವಾರಪತ್ರಿಕೆಗೆ ಹೋಗಿ. ತಪ್ಪಾಗಿ ಗುರುತಿಸಿದ ಅಕ್ಷರಗಳನ್ನು ಓದುಗರೇ ತಿದ್ದುವ ಪದ್ಧತಿ ಅಲ್ಲಿ ಚೆನ್ನಾಗಿ ಬೇರೂರಿರುವುದರಿಂದ ಹುಡುಕಾಟವೂ ಹಗುರ. ಬ್ರಿಟಿಷ್ ತಾಣದಲ್ಲೂ ತಿದ್ದಬಹುದು. ಓದಿದ ವರದಿಯಲ್ಲಿ ಆಟಗಾರರ ಹೆಸರುಗಳನ್ನಾದರೂ ಸರಿಪಡಿಸಿ ಬಿಡಿ, ಮುಂದೆ ಬರುವವರಿಗೆ ಅದು ನಿಜವಾದ ಉಪಕಾರ. ಪ್ರವಾಸದ ನ್ಯೂಜಿಲೆಂಡ್ ಭಾಗಕ್ಕೆ ಅಲ್ಲಿಯ ಹಳೆಯ ಪತ್ರಿಕೆಗಳ ತಾಣ ಪೇಪರ್ಸ್ ಪಾಸ್ಟ್ ಇದೆ, ಅದೂ ಉಚಿತ.

ಆದ್ದರಿಂದ ಉಚಿತ ತಾಣಗಳನ್ನು ಮೊದಲು ಮುಗಿಸಿ, ದಿನಾಂಕಗಳ ಪಟ್ಟಿ ಕೈಯಲ್ಲಿಟ್ಟುಕೊಂಡು ಒಂದು ತಿಂಗಳ ಚಂದಾ ಕಟ್ಟುವುದು ಉತ್ತಮ. ವರ್ಷದ ಚಂದಾ ಒಬ್ಬ ಆಟಗಾರನಿಗಾಗಿ ಬೇಡ. ಓದಿದ ಪುಟವನ್ನು ಕೂಡಲೇ ಪಿಡಿಎಫ್ ಆಗಿ ಇಳಿಸಿ, ಕಡತಕ್ಕೆ ವರ್ಷ-ತಿಂಗಳು-ದಿನ, ಪತ್ರಿಕೆ, ಪುಟ ಸಂಖ್ಯೆಯ ಹೆಸರಿಡಿ. ಅವಧಿ ಮುಗಿದ ಮೇಲೆ ಮತ್ತೆ ತೆರೆಯಲಾಗದು. ನಿಮ್ಮ ಕ್ಲಬ್‌ನ ಊರಿನ ಪತ್ರಿಕೆ ಆ ವರ್ಷಗಳಿಗೆ ಸಂಗ್ರಹದಲ್ಲಿದೆಯೇ ಎಂದು ಶೀರ್ಷಿಕೆಗಳ ಪಟ್ಟಿಯಲ್ಲಿ ಮೊದಲೇ ನೋಡಿ. ಒಂದು ಪತ್ರಿಕೆಯ ನಡುವಿನ ವರ್ಷಗಳು ಇಲ್ಲದಿರುವುದು ಇಲ್ಲಿ ಸಾಮಾನ್ಯ, ಹಣ ಕೊಟ್ಟ ಓದುಗನಿಗೆ ಅದೇ ದೊಡ್ಡ ನಿರಾಸೆ.

ಲೇಥಮ್ 1916ರ ಆಗಸ್ಟ್‌ನಲ್ಲಿ ಲ್ಯೂನ್ ನದಿಯ ದೋಣಿ ಅಪಘಾತದಲ್ಲಿ ಮುಳುಗಿ ತೀರಿಕೊಂಡರು. ಈ ಸುದ್ದಿಗೆ ಕ್ರೀಡಾ ಪುಟವನ್ನೇ ನೆಚ್ಚಬೇಡಿ. ಯುದ್ಧಕಾಲದಲ್ಲಿ ಆ ಪುಟಗಳು ಸೊರಗಿದ್ದವು. ಕೌಂಟಿಯ ಫಿಲ್ಟರ್‌ನಲ್ಲಿ ಲ್ಯಾಂಕಾಷೈರ್ ಆರಿಸಿ, ಲ್ಯಾಂಕಾಸ್ಟರ್, ಲ್ಯೂನ್, ದೋಣಿ ಎಂಬ ಅರ್ಥದ ಇಂಗ್ಲಿಷ್ ಪದಗಳನ್ನು ಕೊಟ್ಟು ಸ್ಥಳೀಯ ಸುದ್ದಿಯ ಅಂಕಣಗಳನ್ನು ನೋಡಿ.

ಇಂಗ್ಲೆಂಡಿನಲ್ಲಿರುವ ಕನ್ನಡಿಗರಿಗೆ ಚಂದಾ ಇಲ್ಲದ ದಾರಿಯೂ ಇದೆ: ಲಂಡನ್ನಿನ ಸೇಂಟ್ ಪ್ಯಾಂಕ್ರಾಸ್‌ನಲ್ಲೂ ಯಾರ್ಕ್‌ಷೈರ್‌ನ ಬಾಸ್ಟನ್ ಸ್ಪಾದಲ್ಲೂ ಬ್ರಿಟಿಷ್ ಲೈಬ್ರರಿಯ ವಾಚನಾಲಯದಲ್ಲಿ ಇದೇ ತಾಣವನ್ನು ಉಚಿತವಾಗಿ ಬಳಸಬಹುದು. ಲೀಡ್ಸ್ ಕಡೆಯವರಿಗೆ ಬಾಸ್ಟನ್ ಸ್ಪಾ ಹತ್ತಿರ.